ಮೆಂಫಿಸ್‌ನ ಗೂಳಿ ದೇವರು, ಅವಳಿ ಹುಡುಗಿಯರ ಎಣ್ಣೆ ಪಾಲು ಮತ್ತು ಒಂದು ವಿಡಿಯೊ ಗೇಮ್

ಎಲ್ಲರಿಗೂ ನಮಸ್ಕಾರ. ಈಗ ಪರದೆ ಮೇಲೆ ನೀವು ನೋಡುತ್ತಿರುವುದು ಪ್ರಾಚೀನ ಈಜಿಪ್ಟಿನ ನಗರ ಮೆಂಫಿಸ್. 'ಅಸ್ಯಾಸಿನ್ಸ್ ಕ್ರೀಡ್ ಆರಿಜಿನ್ಸ್' ಅನ್ನುವ ಆಟದೊಳಗಿನ ಮೆಂಫಿಸ್. ಆಟ ಬಂದದ್ದು 2017ರಲ್ಲಿ. ಅದರ ಕಥೆ ನಡೆಯುವುದು ಕ್ರಿ.ಪೂ. 48ರ ಆಸುಪಾಸಿನಲ್ಲಿ. ಕ್ಲಿಯೋಪಾತ್ರ ಮತ್ತು ಅವಳ ತಮ್ಮ ಸಿಂಹಾಸನಕ್ಕಾಗಿ ಕಾದಾಡುತ್ತಿದ್ದ ಕಾಲ ಅದು. ಗ್ರೀಕ್ ಮೂಲದ ಟಾಲೆಮಿ ಮನೆತನ ಈಜಿಪ್ಟ್ ಆಳಲು ಶುರುಮಾಡಿ ಆಗಲೇ 250 ವರ್ಷ ದಾಟಿತ್ತು.

ಆಟದ ನಾಯಕ ಬಾಯೆಕ್ ಮೆಂಫಿಸ್‌ಗೆ ಬಂದಾಗ ಊರೆಲ್ಲ ಕಂಗಾಲಾಗಿರುತ್ತದೆ. ಅಪಿಸ್ ಗೂಳಿಗೆ ಕಾಯಿಲೆ. ಅಪಿಸ್ ಅಂದರೆ ಪ್ತಾ ದೇವರ ಜೀವಂತ ರೂಪ. ಒಂದು ಕಾಲಕ್ಕೆ ಒಂದೇ ಗೂಳಿ. ಅದು ಸತ್ತರೆ ದೇಶಕ್ಕೆ ಶೋಕ, ಆಮೇಲೆ ಸರಿಯಾದ ಗುರುತುಗಳಿರುವ ಹೊಸ ಕರುವನ್ನು ಹುಡುಕಬೇಕು. ಆಟದಲ್ಲಿ ಈ ಗೂಳಿಯ ಚಿಂತೆಯಲ್ಲಿರುವ ಇಬ್ಬರು ಸಿಗುತ್ತಾರೆ. ಒಬ್ಬ ಪ್ತಾ ಗುಡಿಯ ಮುಖ್ಯ ಪೂಜಾರಿ ಪಶೆರೆನ್‌ಪ್ತಾ. ಇನ್ನೊಬ್ಬಳು ಅವನ ಹೆಂಡತಿ ತೈಮ್‌ಹೋತೆಪ್.

ಆಟ ಆಡುವಾಗ ಈ ಹೆಸರುಗಳನ್ನು ಸುಮ್ನೆ ದಾಟಿಬಿಡುವುದು ಸುಲಭ. ಆದರೆ ಇಬ್ಬರೂ ನಿಜವಾಗಿ ಬದುಕಿದ್ದವರು. ಇಬ್ಬರ ಸಮಾಧಿಯ ಬರಹದ ಕಲ್ಲುಗಳೂ ಈಗ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿವೆ. ಪಶೆರೆನ್‌ಪ್ತಾನ ಕಲ್ಲಿನ ಪ್ರಕಾರ ಅವನು ಮುಖ್ಯ ಪೂಜಾರಿ ಆದಾಗ ವಯಸ್ಸು 14. ಅದು ಕ್ರಿ.ಪೂ. 76. ಕ್ಲಿಯೋಪಾತ್ರಳ ಅಪ್ಪ ಹನ್ನೆರಡನೇ ಟಾಲೆಮಿಗೆ ಕಿರೀಟ ತೊಡಿಸಿದ್ದು ಈ ಹುಡುಗನೇ. ರಾಜ ಗ್ರೀಕ್ ಮಾತಾಡುವವನು, ಅಲೆಕ್ಸಾಂಡ್ರಿಯಾದ ಅರಮನೆಯವನು. ಆದರೂ ಫೇರೋ ಅನಿಸಿಕೊಳ್ಳಲು ಅವನಿಗೆ ಮೆಂಫಿಸ್‌ನ ಪೂಜಾರಿಯ ಕೈ ಬೇಕಿತ್ತು.

ತೈಮ್‌ಹೋತೆಪ್‌ಳ ಕಲ್ಲು ಇದಕ್ಕಿಂತ ಮನಸ್ಸಿಗೆ ಹತ್ತಿರದ್ದು. ಅವಳಿಗೂ 14ನೇ ವಯಸ್ಸಿಗೆ ಮದುವೆ ಆಯಿತು. ಮೂರು ಹೆಣ್ಣುಮಕ್ಕಳು ಹುಟ್ಟಿದವು. ಗಂಡು ಮಗು ಬೇಕೆಂದು ಗಂಡ ಹೆಂಡತಿ ಇಮ್‌ಹೋತೆಪ್‌ಗೆ ಬೇಡಿಕೊಂಡರು. ಇಮ್‌ಹೋತೆಪ್ ಮೊದಲಿಗೆ ದೇವರಲ್ಲ, ಮನುಷ್ಯ. ಸಕ್ಕಾರದ ಮೆಟ್ಟಿಲು ಪಿರಮಿಡ್ಡಿನ ಶಿಲ್ಪಿ ಅಂತ ಅವನ ಹೆಸರು ಹೇಳುತ್ತಾರೆ. ಎರಡು ಸಾವಿರ ವರ್ಷ ಕಳೆಯುವಷ್ಟರಲ್ಲಿ ಕಾಯಿಲೆ ವಾಸಿಮಾಡುವ ದೇವರಾಗಿಬಿಟ್ಟಿದ್ದ. ಗ್ರೀಕರು ಅವನನ್ನು ತಮ್ಮ ವೈದ್ಯ ದೇವರು ಅಸ್ಕ್ಲೇಪಿಯಸ್ ಅಂತಲೇ ನಂಬಿ ಅದೇ ಗುಡಿಗೆ ಬರುತ್ತಿದ್ದರು. ಅವನು ಪಶೆರೆನ್‌ಪ್ತಾನ ಕನಸಿಗೆ ಬಂದು, ನನ್ನ ಗುಡಿಯಲ್ಲಿ ಕೆಲಸ ಮಾಡಿಸು, ಮಗನನ್ನು ಕೊಡುತ್ತೇನೆ ಎಂದನಂತೆ. ಕೆಲಸ ಆಯಿತು. ಕ್ರಿ.ಪೂ. 46ರಲ್ಲಿ ಮಗ ಹುಟ್ಟಿದ. ಮಗುವಿಗೆ ದೇವರ ಹೆಸರನ್ನೇ ಇಟ್ಟರು. ನಾಲ್ಕು ವರ್ಷಕ್ಕೆ ತೈಮ್‌ಹೋತೆಪ್ ತೀರಿಕೊಂಡಳು. ಅವಳಿಗೆ ಆಗ 30 ವರ್ಷ. ಕಲ್ಲಿನಲ್ಲಿ ಅವಳು ಗಂಡನ ಜೊತೆ ಮಾತಾಡುತ್ತಾಳೆ. ಊಟ ಬಿಡಬೇಡ, ಖುಷಿ ಬಿಡಬೇಡ ಅನ್ನುತ್ತಾಳೆ. ನಾನಿರುವ ಜಾಗ ಬರೀ ನಿದ್ದೆ, ಬರೀ ಕತ್ತಲೆ, ನೀರು ಪಕ್ಕದಲ್ಲೇ ಇದ್ದರೂ ಬಾಯಾರಿಕೆ ಅನ್ನುತ್ತಾಳೆ.

ಈಗ ಆಟದ ಇಸವಿ ನೆನಪಿಸಿಕೊಳ್ಳಿ. ಕ್ರಿ.ಪೂ. 48. ಅಂದರೆ ಮಗ ಇನ್ನೂ ಹುಟ್ಟಿಲ್ಲ. ಆ ದಂಪತಿಯ ಕಾಯುವಿಕೆಯ ನಡುವೆಯೇ ಆಟ ನಮ್ಮನ್ನು ಅವರ ಮುಂದೆ ನಿಲ್ಲಿಸುತ್ತದೆ. ಇಷ್ಟು ಓದಿಕೊಂಡು ಆಟ ಕಟ್ಟಿದವರ ಬಗ್ಗೆ ನನಗೆ ತುಂಬಾ ಗೌರವ ಇದೆ. ಗುಡಿ ಅಂದರೆ ಕಂಬ, ಗೋಡೆ ಮಾತ್ರ ಅಲ್ಲ, ಅದರೊಳಗೆ ಚಿಂತೆ ಮಾಡುವ ಜನ ಇದ್ದರು ಅನ್ನುವುದು ಅವರಿಗೆ ಗೊತ್ತಿತ್ತು. ಇವತ್ತಿನ ವಿಡಿಯೊ ಪೂರ್ತಿ ಆ ಜನರ ಬಗ್ಗೆಯೇ.

ಇದು ಅಲೆಕ್ಸಾಂಡ್ರಿಯಾ, ನಾವೇ ತೆಗೆದ ವಿಡಿಯೊ. ಕ್ಯಾಮೆರಾ ಹಿಡಿದಿರುವುದು ನನ್ನ ತಂಗಿ. ಎದುರಿಗಿರುವ ಕೆಂಪು ಗ್ರಾನೈಟ್ ಕಂಬದ ಎತ್ತರ ಸುಮಾರು 27 ಮೀಟರ್. ಜನ ಇದನ್ನು ಪಾಂಪೆಯ ಕಂಬ ಅನ್ನುತ್ತಾರೆ. ಆದರೆ ರೋಮನ್ ಸೇನಾಪತಿ ಪಾಂಪೆಗೂ ಇದಕ್ಕೂ ಸಂಬಂಧ ಇಲ್ಲ, ಇದು ರೋಮನ್ ಚಕ್ರವರ್ತಿ ಡಯೊಕ್ಲೀಶಿಯನ್ ಹೆಸರಿನಲ್ಲಿ ನಿಲ್ಲಿಸಿದ್ದು. ಕ್ಲಿಯೋಪಾತ್ರಳ ಕಾಲಕ್ಕೆ ಇದು ಇರಲೇ ಇಲ್ಲ. ಆಗ ಈ ದಿಬ್ಬದ ಮೇಲಿದ್ದದ್ದು ಸೆರಾಪಿಸ್ ದೇವರ ದೊಡ್ಡ ಗುಡಿ, ಸೆರಾಪೇಯಂ.

ಸೆರಾಪಿಸ್‌ನ ಪೂಜೆಯನ್ನು ಇಷ್ಟು ದೊಡ್ಡದು ಮಾಡಿದ್ದು ಟಾಲೆಮಿಗಳೇ. ಮೆಂಫಿಸ್‌ನ ಸತ್ತ ಅಪಿಸ್ ಗೂಳಿ ಸತ್ತವರ ಲೋಕದ ದೇವರಾದ ಒಸಿರಿಸ್ ಜೊತೆ ಒಂದಾಗುತ್ತದೆ ಅನ್ನುವುದು ಈಜಿಪ್ಟಿನವರ ಹಳೇ ನಂಬಿಕೆ. ಅದೇ ದೇವರಿಗೆ ಗ್ರೀಕ್ ಮುಖ ಬಂತು. ಗುಂಗುರು ಗಡ್ಡ, ತಲೆ ಮೇಲೆ ಧಾನ್ಯ ಅಳೆಯುವ ಕೊಳಗ. ಈ ಗುಡಿ ಕಟ್ಟಿಸಿದವನು ಮೂರನೇ ಟಾಲೆಮಿ. ಅದು ಗೊತ್ತಾದದ್ದು 1940ರ ದಶಕದಲ್ಲಿ ಅಗೆದಾಗ. ಅಡಿಪಾಯದ ಗುಂಡಿಗಳಲ್ಲಿ ಚಿನ್ನ, ಬೆಳ್ಳಿ, ಕಂಚು, ಗಾಜಿನ ಸಣ್ಣ ಫಲಕಗಳು ಸಿಕ್ಕವು. ಅವುಗಳ ಮೇಲೆ ಗ್ರೀಕ್ ಮತ್ತು ಚಿತ್ರಲಿಪಿ ಎರಡರಲ್ಲೂ ಬರೆದಿದ್ದರು. ಒಂದೇ ಗುಡಿಗೆ ಎರಡು ಕಡೆಯ ಜನರನ್ನೂ ಸಾಕ್ಷಿ ಮಾಡಿದ ಹಾಗೆ.

ಕ್ರಿ.ಶ. 391ರ ಸುಮಾರಿಗೆ ಈ ಗುಡಿಯನ್ನು ನೆಲಸಮ ಮಾಡಿದರು. ಈಗ ಉಳಿದಿರುವುದು ಈ ಕಂಬ, ಕೆಲವು ಸ್ಫಿಂಕ್ಸ್‌ಗಳು, ನೆಲದಡಿಯ ಸುರಂಗದಂಥ ಓಣಿಗಳು. ಇಂಥ ಕಡೆ ಆಟದ ಬೆಲೆ ಗೊತ್ತಾಗುತ್ತದೆ. ಪರದೆಯ ಎಡಗಡೆ ನಮ್ಮ ವಿಡಿಯೊ, ಬಲಗಡೆ ಆಟ. ಮೆಟ್ಟಿಲು ಇದೆ, ಚಾವಣಿ ಇದೆ, ಬಣ್ಣ ಇದೆ. ಕಲ್ಲು ಯಾವಾಗಲೂ ಬೋಳು ಕಲ್ಲಿನ ಬಣ್ಣದಲ್ಲೇ ಇತ್ತು ಅಂತ ನಾವು ಅಂದುಕೊಂಡುಬಿಡುತ್ತೇವೆ ಅಲ್ವಾ? ಆಗ ಗೋಡೆಗಳೆಲ್ಲ ಬಣ್ಣವೋ ಬಣ್ಣ. 2018ರ ಫೆಬ್ರವರಿಯಲ್ಲಿ ಈ ಆಟಕ್ಕೆ 'ಡಿಸ್ಕವರಿ ಟೂರ್' ಅಂತ ಒಂದು ಭಾಗ ಸೇರಿಸಿದರು. ಅದರಲ್ಲಿ ಹೊಡೆದಾಟ ಇಲ್ಲ, 75 ಸುತ್ತಾಟಗಳಿವೆ, ವಿವರಣೆ ಕೇಳುತ್ತಾ ನಡೆಯಬಹುದು. ಮಕ್ಕಳಿದ್ದರೆ ಖಂಡಿತ ತೋರಿಸಿ.

ಆದರೆ ಒಂದು ವಿಷಯದಲ್ಲಿ ನನಗೆ ಸಮಾಧಾನ ಇಲ್ಲ. ಅದು ಬಾಗಿಲು.

ಈಗ ನೋಡುತ್ತಿರುವುದು ಎಡ್ಫು. ಹೋರಸ್ ದೇವರ ಗುಡಿ. ಕ್ರಿ.ಪೂ. 237ರಲ್ಲಿ ಮೂರನೇ ಟಾಲೆಮಿ ಶುರುಮಾಡಿದ್ದು, ಪೂರ್ತಿ ಮುಗಿದದ್ದು ಕ್ರಿ.ಪೂ. 57ರಲ್ಲಿ. ನಡುವೆ ದಕ್ಷಿಣದಲ್ಲಿ ದಂಗೆ ಎದ್ದು ಕೆಲಸ ವರ್ಷಗಟ್ಟಲೆ ನಿಂತೇ ಹೋಗಿತ್ತು. ಮುಂಭಾಗದ ಗೋಪುರ 36 ಮೀಟರ್. ಒಳಗೆ ಹೋದ ಹಾಗೆ ನೆಲ ಏರುತ್ತದೆ, ಚಾವಣಿ ತಗ್ಗುತ್ತದೆ, ಬೆಳಕು ಕಡಿಮೆಯಾಗುತ್ತದೆ. ಕೊನೆಗೆ ಗರ್ಭಗುಡಿ. ಸಾಮಾನ್ಯ ಜನ ಇಲ್ಲಿಗೆ ಬರುವ ಹಾಗೇ ಇರಲಿಲ್ಲ. ಹಬ್ಬದ ದಿನ ದೇವರೇ ಹೊರಗೆ ಬರುತ್ತಿದ್ದ. ಡೆಂಡೆರಾದಿಂದ ಹಾಥೋರ್ ದೇವಿ ನದಿಯಲ್ಲಿ ದೋಣಿ ಏರಿ, 150 ಕಿಲೋಮೀಟರಿಗೂ ಜಾಸ್ತಿ ದೂರ ಬಂದು, ಇಲ್ಲಿ ಹೋರಸ್ ಜೊತೆ ಇದ್ದು ಹೋಗುತ್ತಿದ್ದಳು. ಜನ ದಂಡೆಯ ಮೇಲೆ ನಿಂತು ನೋಡುತ್ತಿದ್ದರು.

ಒಳಗೆ ಪ್ರತಿದಿನ ಬೆಳಗ್ಗೆ ಪೂಜಾರಿ ಬಾಗಿಲ ಮುದ್ರೆ ಒಡೆಯುತ್ತಿದ್ದ. ದೇವರನ್ನು ಎಬ್ಬಿಸಿ, ಬಟ್ಟೆ ಉಡಿಸಿ, ಎಣ್ಣೆ ಹಚ್ಚಿ, ಊಟ ಇಡುತ್ತಿದ್ದ. ಗೋಡೆ ಮೇಲಿನ ಚಿತ್ರಗಳಲ್ಲಿ ಈ ಕೆಲಸ ಎಲ್ಲಾ ಮಾಡುತ್ತಿರುವುದು ರಾಜ. ನಿಜದಲ್ಲಿ ಅವನ ಪರವಾಗಿ ಪೂಜಾರಿ ಮಾಡುತ್ತಿದ್ದ. ಅದೂ ಪಾಳಿಯಲ್ಲಿ. ಪೂಜಾರಿಗಳಲ್ಲಿ ನಾಲ್ಕು ತಂಡ ಇತ್ತು, ಒಂದೊಂದು ತಂಡಕ್ಕೆ ಒಂದೊಂದು ತಿಂಗಳು. ಕ್ರಿ.ಪೂ. 238ರಲ್ಲಿ ಮೂರನೇ ಟಾಲೆಮಿಯ ಗೌರವಕ್ಕೆ ಐದನೇ ತಂಡ ಸೇರಿಸಿದರು. ಆ ನಿರ್ಣಯವನ್ನೂ ಚಿತ್ರಲಿಪಿ, ಜನಬಳಕೆಯ ಡೆಮೋಟಿಕ್ ಲಿಪಿ ಮತ್ತು ಗ್ರೀಕ್‌ನಲ್ಲಿ ಕಲ್ಲಿಗೆ ಹಾಕಿಸಿದರು.

ಆಟದಲ್ಲಿ ಈ ಬಾಗಿಲಿಗೆ ಬೆಲೆಯೇ ಇಲ್ಲ. ಕಾವಲುಗಾರರು ಅಟ್ಟಿಸಿಕೊಂಡು ಬರಬಹುದು. ಆದರೆ ದೇವರ ಕೋಣೆಗೆ ಕಾಲಿಡುತ್ತಿದ್ದೇನೆ ಅನ್ನುವ ಅಳುಕು ನಾಯಕನಿಗೂ ಇಲ್ಲ, ನಮಗೂ ಇಲ್ಲ. ಒಳಗೆ ಹೋಗು, ಪೆಟ್ಟಿಗೆ ತೆರೆ, ಚಿನ್ನ ಎತ್ತಿಕೊ, ಮುಂದೆ ಓಡು. ಬಾಯೆಕ್ ದೇವರನ್ನು ನಂಬುವ ಮನುಷ್ಯ. ಅವನ ಕೈಯಲ್ಲಿ ಇದನ್ನು ಮಾಡಿಸುವಾಗ ನನಗೆ ಪ್ರತಿ ಸಲ ಕಸಿವಿಸಿ ಆಗುತ್ತದೆ.

ಹಳೆಯ ಆಟಗಳಲ್ಲೂ ಇದೇ ಕಥೆ. 1999ರ 'ಟೂಂಬ್ ರೈಡರ್: ದ ಲಾಸ್ಟ್ ರೆವಲೇಶನ್' ಅಲೆಕ್ಸಾಂಡ್ರಿಯಾಕ್ಕೆ ಹೋಗುತ್ತದೆ, ಐಸಿಸ್ ಗುಡಿ, ಕ್ಲಿಯೋಪಾತ್ರಳ ಅರಮನೆ ಎಲ್ಲ ತೋರಿಸುತ್ತದೆ. ಆದರೆ ಅಲ್ಲಿ ಗುಡಿ ಅಂದರೆ ಬರೀ ಒಗಟು ಮತ್ತು ಬಲೆ. ಅದೇ ವರ್ಷದ 'ಫೇರೋ' ಊರು ಕಟ್ಟುವ ಆಟ. ನನಗೆ ಅದು ಜಾಸ್ತಿ ಇಷ್ಟ. ಅದರಲ್ಲಿ ಗುಡಿಯಿಂದ ಪೂಜಾರಿ ಹೊರಟು ಬೀದಿ ಬೀದಿ ನಡೆಯುತ್ತಾನೆ. ಒಸಿರಿಸ್‌ಗೆ ಬೇಜಾರಾದರೆ ನೈಲ್ ಪ್ರವಾಹ ಇಳಿಯುತ್ತದೆ, ಬೆಳೆ ಕೈಕೊಡುತ್ತದೆ. ಊರಿನ ಹೊಟ್ಟೆಗೂ ಗುಡಿಗೂ ಇರುವ ನಂಟನ್ನು ಆ ಆಟ ಹಿಡಿದಿದೆ.

ಈಗ ಸಕ್ಕಾರಕ್ಕೆ ಬರೋಣ. ಮೆಂಫಿಸ್ ಪಕ್ಕದ ಮರಳುಗಾಡು. ಅಪಿಸ್ ಗೂಳಿಗಳನ್ನು ಹೂಳುತ್ತಿದ್ದ ಜಾಗ. ಇದೂ ಸೆರಾಪೇಯಂ. 1850ರಲ್ಲಿ ಫ್ರಾನ್ಸಿನ ಓಗುಸ್ತ್ ಮಾರಿಯೆಟ್ ಮರಳಿನಲ್ಲಿ ಒಂದು ಸ್ಫಿಂಕ್ಸ್ ತಲೆ ನೋಡಿ ಅಗೆಯಲು ಶುರುಮಾಡಿದ. ಮರುವರ್ಷ ಈ ಸುರಂಗ ಸಿಕ್ಕಿತು. ಎರಡೂ ಬದಿಯ ಗೂಡುಗಳಲ್ಲಿ ಗೂಳಿಗಳ ಕಲ್ಲಿನ ಶವಪೆಟ್ಟಿಗೆಗಳು, ಒಂದೊಂದೂ ಹತ್ತಾರು ಟನ್. ಮೇಲೆ, ದಾರಿಯ ಬದಿಯಲ್ಲಿ, ಅರ್ಧವೃತ್ತದಲ್ಲಿ ಕೂತಿರುವ ಮೂರ್ತಿಗಳು ಗ್ರೀಕ್ ಕವಿಗಳು ಮತ್ತು ತತ್ವಜ್ಞಾನಿಗಳು. ಈಜಿಪ್ಟಿನ ಗೂಳಿಯ ಸಮಾಧಿಗೆ ಹೋಗುವ ದಾರಿಯಲ್ಲಿ ಪಿಂಡಾರ್!

ಇಲ್ಲಿ ತಂಗಿ ಕೇಳಿದ್ದು ವಿಡಿಯೊದಲ್ಲೇ ಇದೆ. "ಅಕ್ಕಾ, ಇಲ್ಲಿ ಕೆಲಸ ಮಾಡೋರು ಊಟಕ್ಕೆ ಏನು ಮಾಡ್ತಿದ್ರು?" ಒಳ್ಳೆಯ ಪ್ರಶ್ನೆ. ಇದಕ್ಕೆ ಉತ್ತರ ಇದೆ, ಅದೂ ಅಲ್ಲಿದ್ದವರೇ ಬರೆದಿಟ್ಟದ್ದು.

ಕ್ರಿ.ಪೂ. 172ರಿಂದ ಇಪ್ಪತ್ತು ವರ್ಷ ಟಾಲೆಮಾಯೊಸ್ ಅನ್ನುವ ಗ್ರೀಕ್ ಮನುಷ್ಯ ಈ ಆವರಣದಲ್ಲಿ ಇದ್ದ. ದೇವರಿಗೆ ಕಟ್ಟುಬಿದ್ದವನು, ಹೊರಗೆ ಹೋಗುವಂತಿಲ್ಲ. ಅವನ ವಾಸ ಅಸ್ಟಾರ್ಟೆ ಅನ್ನುವ ಸಿರಿಯಾ ಕಡೆಯ ದೇವಿಯ ಸಣ್ಣ ಗುಡಿಯಲ್ಲಿ. ಅವನ ಪಪೈರಸ್ ಕಾಗದಗಳು ನಮಗೆ ಸಿಕ್ಕಿವೆ. ಲೆಕ್ಕ, ಅರ್ಜಿ, ರಾತ್ರಿ ಕಂಡ ಕನಸು, ಎಲ್ಲವೂ ಅದರಲ್ಲಿವೆ. ಗುಡಿಯಲ್ಲಿ ಕಸ ಗುಡಿಸುವವರು, ರೊಟ್ಟಿ ಸುಡುವವರು ಸೇರಿಕೊಂಡು ತನಗೆ ಹೊಡೆಯಲು ಬಂದರು, ನಾನು ಗ್ರೀಕನೆಂದು ಹೀಗೆ ಮಾಡುತ್ತಾರೆ ಅಂತ ದೂರು ಕೊಟ್ಟಿದ್ದಾನೆ. ಆಳುವವರು ಗ್ರೀಕರಾದರೂ ಈ ಅಂಗಳದಲ್ಲಿ ಅವನು ಒಂಟಿ.

ಅವನ ಆಸರೆ ಬೇಡಿ ಬಂದವರು ಇಬ್ಬರು ಅವಳಿ ಹುಡುಗಿಯರು. ಥೌಏಸ್ ಮತ್ತು ತೌಸ್. ಈಜಿಪ್ಟಿನವರು, ಅವನ ಗೆಳೆಯನ ಮಕ್ಕಳು. ತಾಯಿ ಒಬ್ಬ ಗ್ರೀಕ್ ಸೈನಿಕನ ಜೊತೆ ಹೋದಳು. ತಂದೆ ಜೀವ ಉಳಿಸಿಕೊಳ್ಳಲು ಓಡಿಹೋಗಿ, ಕೊರಗಿ ಸತ್ತ. ತಾಯಿ ಮನೆಯಿಂದ ಇವರನ್ನೂ ಹೊರಹಾಕಿದಳು. ಕ್ರಿ.ಪೂ. 164ರಲ್ಲಿ ಅಪಿಸ್ ಗೂಳಿ ಸತ್ತಾಗ ಶೋಕದ ವಿಧಿಯಲ್ಲಿ ಐಸಿಸ್ ಮತ್ತು ನೆಫ್ಥಿಸ್ ಅನ್ನುವ ಅಕ್ಕತಂಗಿ ದೇವಿಯರ ಸ್ಥಾನದಲ್ಲಿ ನಿಲ್ಲಲು ಅವಳಿಗಳು ಬೇಕಿತ್ತು. ಇವರನ್ನೇ ಆರಿಸಿದರು. ಆಮೇಲೆ ಗುಡಿಯಲ್ಲೇ ಸೇವೆ. ಅದಕ್ಕೆ ದಿನಕ್ಕಿಷ್ಟು ರೊಟ್ಟಿ, ವರ್ಷಕ್ಕಿಷ್ಟು ಎಳ್ಳೆಣ್ಣೆ ಮತ್ತು ಹರಳೆಣ್ಣೆ ಕೊಡಬೇಕು. ಆದರೆ ಪಾಲು ಸರಿಯಾಗಿ ಬರಲಿಲ್ಲ. ಟಾಲೆಮಾಯೊಸ್ ಇವರ ಪರವಾಗಿ ಅರ್ಜಿ ಮೇಲೆ ಅರ್ಜಿ ಬರೆದ. ಅಧಿಕಾರಿಗೆ ಬರೆದ. ರಾಜನಿಗೂ, ರಾಣಿಗೂ ಬರೆದ.

ಯೋಚನೆ ಮಾಡಿ. ದೇವಿಯ ಪಾತ್ರದಲ್ಲಿ ನಿಂತು ದೇಶದ ಪರವಾಗಿ ಅತ್ತವರು, ಎಣ್ಣೆಗಾಗಿ ಕಚೇರಿಗೆ ಅಲೆಯಬೇಕಾಯಿತು. ನನಗೆ ಆ ಸುರಂಗದ ಶವಪೆಟ್ಟಿಗೆಗಳಿಗಿಂತ ಈ ಅರ್ಜಿಗಳೇ ದೊಡ್ಡವು ಅನಿಸುತ್ತದೆ. ಯಾವುದಾದರೂ ಆಟದಲ್ಲಿ ಈ ಇಬ್ಬರಿಗೆ ಎಣ್ಣೆ ಕೊಡಿಸುವ ಕೆಲಸ ನನಗೆ ಸಿಗಬೇಕು. ಕತ್ತಿ ಬೇಡ. ಯಾವ ಗುಮಾಸ್ತನನ್ನು ಕೇಳಬೇಕು, ಯಾವ ಉಗ್ರಾಣದಲ್ಲಿ ತಡೆಹಿಡಿದಿದ್ದಾರೆ ಅಂತ ಹುಡುಕಿದರೆ ಸಾಕು. ಮೆಂಫಿಸ್‌ನಲ್ಲಿ ಗೂಳಿಯ ಕಾಯಿಲೆಯ ಕಾರಣ ಹುಡುಕಲು ಕೊಟ್ಟವರಿಗೆ ಇದು ಕಷ್ಟ ಅಲ್ಲ.

ಕೊನೆಗೆ ನಮ್ಮ ಕಡೆಗೆ ಸಂಬಂಧಪಟ್ಟದ್ದು. ಕೆಂಪು ಸಮುದ್ರದ ದಂಡೆಯಲ್ಲಿ ಬೆರೆನಿಕೆ ಅಂತ ಬಂದರು ಇತ್ತು. ಎರಡನೇ ಟಾಲೆಮಿ ಕಟ್ಟಿಸಿ ತಾಯಿಯ ಹೆಸರಿಟ್ಟದ್ದು. ರೋಮನ್ನರ ಕಾಲದಲ್ಲಿ ಭಾರತದ ಹಡಗಿನ ಸರಕು ಇಳಿಯುತ್ತಿದ್ದದ್ದು ಇಲ್ಲೇ. ಅಲ್ಲಿನ ಸೆರಾಪಿಸ್ ಗುಡಿಯ ಅಂಗಳದಲ್ಲಿ ಭಾರತದಲ್ಲೇ ಮಾಡಿದ ದೊಡ್ಡ ಮಣ್ಣಿನ ಹಂಡೆ ಸಿಕ್ಕಿದೆ. ಅದರೊಳಗೆ ಸುಮಾರು 7.5 ಕಿಲೋ ಕರಿಮೆಣಸು. ಮಲಬಾರ್ ಕರಾವಳಿಯ ಬೆಳೆ! ಐಸಿಸ್ ಗುಡಿಯಲ್ಲಿ ಒಂದು ಬುದ್ಧನ ಮೂರ್ತಿಯೂ ಸಿಕ್ಕಿದೆ, ಅದರ ಸುದ್ದಿ 2023ರಲ್ಲಿ ಬಂತು.

ಈಜಿಪ್ಟಿನ ಆಕ್ಸಿರಿಂಕಸ್‌ನಲ್ಲಿ ಸಿಕ್ಕ ಗ್ರೀಕ್ ಪ್ರಹಸನದ ಬಗ್ಗೆ ನಿಮ್ಮಲ್ಲಿ ಕೆಲವರು ಕೇಳಿರುತ್ತೀರಿ. 1903ರಲ್ಲಿ ಅಚ್ಚಾಯಿತು. ಅದರಲ್ಲಿ ಭಾರತದ ಸಮುದ್ರ ತೀರದ ರಾಜ ಆಡುವ ಮಾತು ಕನ್ನಡ ಇರಬೇಕು ಅಂತ ಮರುವರ್ಷ ಜರ್ಮನ್ ವಿದ್ವಾಂಸ ಹುಲ್ಟ್ಜ್ ವಾದಿಸಿದರು. ನಮ್ಮ ಗೋವಿಂದ ಪೈಗಳೂ ಅದರ ಬಗ್ಗೆ ಬರೆದರು. ಎಲ್ಲ ವಿದ್ವಾಂಸರು ಒಪ್ಪಿಲ್ಲ. ನನ್ನ ಗಮನ ಹೋದದ್ದು ಬೇರೆ ಕಡೆ. ಕಥೆ ನಡೆಯುವುದು ಚಂದ್ರದೇವಿಯ ಗುಡಿಯ ಹತ್ತಿರ. ಅಲ್ಲಿ ಸಿಕ್ಕಿಬಿದ್ದ ಗ್ರೀಕ್ ಹುಡುಗಿ ಕಾರಿಟಿಯನ್‌ಳನ್ನು ಬಿಡಿಸಿಕೊಂಡು ಹೋಗಲು ಅವಳ ಕಡೆಯವರು ಬಂದಿದ್ದಾರೆ. ಕೋಡಂಗಿ, ಹೋಗುವಾಗ ದೇವಿಯ ಕಾಣಿಕೆಯನ್ನೂ ಸ್ವಲ್ಪ ಎತ್ತಿಕೊಂಡು ಹೋಗೋಣ ಅನ್ನುತ್ತಾನೆ. ಕಾರಿಟಿಯನ್ ಬೇಡ ಅನ್ನುತ್ತಾಳೆ. ಕಾಪಾಡು ಅಂತ ದೇವರನ್ನು ಬೇಡುವವರು ದೇವರ ವಸ್ತು ಕದಿಯಬಾರದು ಅನ್ನುವುದು ಅವಳ ಮಾತು.

ಆರಿಜಿನ್ಸ್ ಆಟದಲ್ಲಿ ಇಂಥ ಒಂದು ಸಾಲು ಬಾಯೆಕ್‌ನ ಬಾಯಲ್ಲಿ ಬರಬಹುದಿತ್ತು. ನಿಮ್ಮ ಹತ್ತಿರ ಆಟ ಇದ್ದರೆ ಮೆಂಫಿಸ್‌ಗೆ ಹೋಗಿ, ತೈಮ್‌ಹೋತೆಪ್ ಮಾತಾಡುವಾಗ ಬಟನ್ ಒತ್ತಿ ಮುಂದೆ ಓಡಿಸಬೇಡಿ, ಪೂರ್ತಿ ಕೇಳಿ. ಮುಂದಿನ ವಿಡಿಯೊ ಡೆಂಡೆರಾದ್ದು. ಹಿಂದಿನ ಗೋಡೆ ಮೇಲೆ ಕ್ಲಿಯೋಪಾತ್ರ ಮತ್ತು ಅವಳ ಮಗ ಸಿಸೇರಿಯನ್ ನಿಂತಿರುವ ಗುಡಿ ಅದು. ಒಳಗೆ ರಾಜನ ಹೆಸರು ಬರೆಯಬೇಕಾದ ಎಷ್ಟೋ ಚೌಕಟ್ಟುಗಳು ಖಾಲಿಯಾಗೇ ಇವೆ. ಸಿಂಹಾಸನದ ಮೇಲೆ ಯಾರು ಉಳಿಯುತ್ತಾರೋ ಅನ್ನುವ ಕಾಲ ಅಲ್ವಾ, ಕೆತ್ತುವವರು ಕಾದರು. ಅದನ್ನು ಹತ್ತಿರದಿಂದ ತೋರಿಸುತ್ತೇನೆ.