ಇಲ್ಲದ ಊರಿಗೂ ಚಕ್ಕುಬಂದಿ ಬೇಕು

ಎಲ್ಲರಿಗೂ ನಮಸ್ಕಾರ. ಫ್ಯಾಂಟಸಿ ಬರೆಯುವ ಹೊಸಬರಿಗಾಗಿಯೇ ಈ ಶಿಬಿರ ಅಂತ ಕೇಳಿ ಖುಷಿಯಾಯಿತು. ನಿಮಗೆ ಹೇಳಲೇಬೇಕಾದ ಒಂದು ಮಾತು ನನ್ನ ಹತ್ತಿರ ಇದೆ. ಫ್ಯಾಂಟಸಿಯಲ್ಲಿ ಏನು ಬೇಕಾದರೂ ಬರೆಯಬಹುದು ಅನ್ನುತ್ತಾರಲ್ಲ, ಅದನ್ನು ದಯವಿಟ್ಟು ನಂಬಬೇಡಿ. ಇರುವ ಊರಿನ ಬಗ್ಗೆ ಬರೆಯುವವರು ಸ್ವಲ್ಪ ಸಡಿಲ ಬಿಟ್ಟರೂ ನಡೆಯುತ್ತದೆ, ಊರು ತಾನೇ ನಿಂತಿರುತ್ತದೆ. ಇಲ್ಲದ ಊರನ್ನು ನಿಲ್ಲಿಸಬೇಕಾದವರು ನೀವು. ನಿಮಗೇ ಅಳತೆ ಜಾಸ್ತಿ ಬೇಕು.

ನಾನು ಬರೆಯುತ್ತಿರುವ ಕಥೆಗಳಲ್ಲಿ ಒಂದು ಅಕಾಡೆಮಿ ಬರುತ್ತದೆ. ಅಸಾಧ್ಯವಾದ ಜಾಗಗಳ ನಕ್ಷೆ ಮಾಡುವುದನ್ನು ಕಲಿಸುವ ಶಾಲೆ ಅದು. ಹಿತ್ತಿಲ ಬಾಗಿಲು ತೆರೆದರೆ ಮತ್ತೆ ಅಂಗಳಕ್ಕೇ ಬರುವ ಮನೆ, ಮೇಲೆ ಹತ್ತಿದಷ್ಟೂ ಕೆಳಗೆ ಇಳಿಸುವ ಮೆಟ್ಟಿಲು, ಇಂಥವು ಅಲ್ಲಿನ ಪಾಠ. ಹುಡುಗರ ಕೈಯಲ್ಲಿ ಮಂತ್ರದಂಡ ಇಲ್ಲ. ಅಳತೆಯ ಸರಪಳಿ ಇದೆ, ನೆಡಲಿಕ್ಕೆ ಬಾಂದು ಕಲ್ಲು ಇದೆ. ಮೇಷ್ಟ್ರು ಮೊದಲ ದಿನವೇ ಕೇಳುವುದು ಒಂದೇ ಪ್ರಶ್ನೆ: 'ಚಕ್ಕುಬಂದಿ ಹೇಳಿ.' ಪೂರ್ವಕ್ಕೆ ಏನು, ಪಶ್ಚಿಮಕ್ಕೆ ಏನು, ಉತ್ತರಕ್ಕೆ, ದಕ್ಷಿಣಕ್ಕೆ? ಅರ್ಧ ಗುಂಟೆ ಜಾಗದ ಕ್ರಯಪತ್ರಕ್ಕೂ ನಾವು ಇದನ್ನು ಬರೆಸುತ್ತೇವೆ, ಅಲ್ವಾ? ಒಂದು ಇಡೀ ಲೋಕವನ್ನು ಓದುಗರ ಹೆಸರಿಗೆ ಬರೆದುಕೊಡುವಾಗ ಅದನ್ನು ಬಿಟ್ಟರೆ ಹೇಗೆ?

ಆ ಅಕಾಡೆಮಿಯ ಮೊದಲ ವರ್ಷದ ಪಾಠ ಕಾಂಗ್ ಪರ್ವತಗಳು. ಇದು ನನಗೆ ತುಂಬಾ ಇಷ್ಟದ ಕಥೆ, ಸ್ವಲ್ಪ ನಿಧಾನವಾಗಿ ಹೇಳುತ್ತೇನೆ. ಪೂರ್ತಿ ನಿಜ. ಜೇಮ್ಸ್ ರೆನೆಲ್ ಹೆಸರನ್ನು ನೀವು ಕೇಳಿರಬಹುದು. ಬಂಗಾಳದಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಸರ್ವೇಯರ್ ಜನರಲ್ ಆಗಿದ್ದವನು. ನದಿ ನದಿ ಅಲೆದು ಅಳೆದವನು. ಇಂಗ್ಲೆಂಡಿಗೆ ಮರಳಿದ ಮೇಲೆ ಆಫ್ರಿಕಾದ ನಕ್ಷೆಗೆ ಕೈ ಹಾಕಿದ. ಆಗಷ್ಟೇ ಸ್ಕಾಟ್ಲೆಂಡಿನ ಅನ್ವೇಷಕ ಮಂಗೋ ಪಾರ್ಕ್ ಪಶ್ಚಿಮ ಆಫ್ರಿಕಾದಿಂದ ವಾಪಸ್ ಬಂದಿದ್ದ. ನೈಜರ್ ನದಿ ಪೂರ್ವಕ್ಕೆ ಹರಿಯುವುದನ್ನು ಅವನು 1796ರಲ್ಲಿ ಕಣ್ಣಾರೆ ಕಂಡಿದ್ದ. ದೂರದಲ್ಲಿ ಕಾಣುವ ಬೆಟ್ಟಗಳು ಕಾಂಗ್ ಸೀಮೆಯವು ಅಂತ ಜನ ಹೇಳಿದ್ದನ್ನೂ ಬರೆದಿದ್ದ. ಅವನು ಕಂಡದ್ದು ಅಷ್ಟೇ.

ರೆನೆಲ್‌ಗೆ ಒಂದು ತೊಡಕು ಇತ್ತು. ನೈಜರ್ ಎಲ್ಲಿಗೆ ಹೋಗಿ ಸೇರುತ್ತದೆ? ಅದು ಸಮುದ್ರ ಸೇರುವುದಿಲ್ಲ, ಒಳನಾಡಿನಲ್ಲೇ ಹರಡಿಕೊಂಡು ಆವಿಯಾಗುತ್ತದೆ ಅನ್ನುವುದು ಅವನ ವಾದ. ಹಾಗಿದ್ದರೆ ದಕ್ಷಿಣಕ್ಕೆ ಹರಿಯದಂತೆ ಏನೋ ತಡೆಯಬೇಕಲ್ಲ. ಪಾರ್ಕ್ ಕಂಡ ನಾಲ್ಕು ಬೆಟ್ಟ ಅವನ ಕೈಯಲ್ಲಿ ಉದ್ದದ ಸಾಲಾಯಿತು. 1798ರ ನಕ್ಷೆಯಲ್ಲಿ ಪಶ್ಚಿಮ ಆಫ್ರಿಕಾಕ್ಕೆ ಅಡ್ಡಲಾಗಿ ಒಂದು ಪರ್ವತ ಶ್ರೇಣಿ ಎದ್ದು ನಿಂತಿತು. ಆಮೇಲಿನವರು ಅದನ್ನು ನೋಡಿ ಬರೆದರು. ಕೆಲವರು ಇನ್ನೂ ಎಳೆದು, ನೈಲ್ ನದಿ ಹುಟ್ಟುವುದು ಅಲ್ಲೇ ಅಂತ ಹಳಬರು ನಂಬಿದ್ದ ಚಂದ್ರ ಪರ್ವತಗಳಿಗೆ ಜೋಡಿಸಿದರು. 1830ರಲ್ಲಿ ಲ್ಯಾಂಡರ್ ಸೋದರರು ದೋಣಿಯಲ್ಲಿ ಹೋಗಿ, ನೈಜರ್ ಗಿನಿ ಕೊಲ್ಲಿ ಸೇರುವುದನ್ನು ತೋರಿಸಿದರು. ಗೋಡೆಯ ಕೆಲಸವೇ ಮುಗಿಯಿತು. ಗೋಡೆ ಮಾತ್ರ ಹೋಗಲಿಲ್ಲ! ನದಿಗೆ ದಾರಿ ಬಿಟ್ಟು ಪರ್ವತ ಹಾಗೇ ಉಳಿಯಿತು.

1888ರಲ್ಲಿ ಫ್ರೆಂಚ್ ಅಧಿಕಾರಿ ಲೂಯಿ ಗುಸ್ತಾವ್ ಬಿಂಜೆ ಕಾಂಗ್ ಪಟ್ಟಣಕ್ಕೆ ಹೋದ. ಈಗ ಅದು ಐವರಿ ಕೋಸ್ಟ್‌ನ ಉತ್ತರದಲ್ಲಿದೆ. ಪಟ್ಟಣ ಇತ್ತು. ಸಂತೆ ಇತ್ತು, ಮಸೀದಿಗಳು ಇದ್ದವು. ಪರ್ವತ ಇರಲಿಲ್ಲ. ಸುಮಾರು 90 ವರ್ಷ ನಕ್ಷೆಯಲ್ಲಿ ನಿಂತಿದ್ದ ಶ್ರೇಣಿ ಅದು. ಆ ನಾಡಿನಲ್ಲಿ ವ್ಯಾಪಾರಕ್ಕೆ ಓಡಾಡುತ್ತಿದ್ದವರಿಗೆಲ್ಲ ನೆಲ ಗೊತ್ತಿತ್ತು. ನಕ್ಷೆ ಬರೆದವರು ಅವರನ್ನು ಕೇಳಲಿಲ್ಲ, ಒಬ್ಬರನ್ನೊಬ್ಬರು ಕೇಳಿಕೊಂಡರು. ರೆನೆಲ್ ದಡ್ಡನಲ್ಲ, ಅವನ ಕಾಲದ ಒಳ್ಳೆಯ ಭೂಗೋಳಜ್ಞ. ಅದಕ್ಕೇ ನನಗೆ ಈ ಕಥೆ ಮುಖ್ಯ. ನಿಮ್ಮ ಕಾದಂಬರಿಯಲ್ಲಿ ನಾಯಕಿಯನ್ನು ತಡೆಯಬೇಕಾದಾಗಲೆಲ್ಲ ಒಂದು ಬೆಟ್ಟ ಏಳುತ್ತಿದ್ದರೆ, ಅದು ಕಾಂಗ್ ಬೆಟ್ಟ. ಕಥೆಗೆ ಬೇಕು ಅಂತ ಬಂದದ್ದು. ಅದರ ಆಚೆ ಬದಿಗೆ ಏನಿದೆ ಅಂತ ಕೇಳಿದರೆ ನಿಮ್ಮ ಹತ್ತಿರ ಉತ್ತರ ಇರುವುದಿಲ್ಲ.

ಇನ್ನು ನಿಜವಾಗಿ ಇದ್ದ, ಆದರೆ ಯಾರೂ ನಂಬದ ಜಾಗ. ದಹಲಾ ಖಾಗ್ರಾಬಾರಿ. ಎರಡು ಎಕರೆಗೂ ಕಡಿಮೆ ಇದ್ದ ಒಂದು ಸೆಣಬಿನ ಹೊಲ, ಭಾರತದ್ದು. ಅದರ ಚಕ್ಕುಬಂದಿ ನೋಡಿ: ನಾಲ್ಕೂ ಕಡೆ ಬಾಂಗ್ಲಾದೇಶ. ಆ ಬಾಂಗ್ಲಾದೇಶದ ತುಂಡಿಗೆ ಸುತ್ತಲೂ ಭಾರತ. ಆ ಭಾರತಕ್ಕೆ ಸುತ್ತಲೂ ಮತ್ತೆ ಬಾಂಗ್ಲಾದೇಶ! ರಾಜರು ಹಳ್ಳಿಗಳನ್ನು ಪಣಕ್ಕಿಟ್ಟು ಚದುರಂಗ ಆಡಿದ್ದರಿಂದ ಹೀಗಾಯಿತು ಅನ್ನುವ ಕಥೆ ಆ ಕಡೆ ಇದೆ. ಇತಿಹಾಸ ನೋಡಿದರೆ ಕೂಚ್ ಬಿಹಾರ್ ರಾಜರಿಗೂ ಮೊಘಲರಿಗೂ ನಡೆದ ಹಳೆಯ ಜಗಳದ ಉಳಿಕೆ. ದೇಶ ವಿಭಜನೆ ಆದಾಗ ಗಡಿಯುದ್ದಕ್ಕೂ ಇದ್ದ ಇಂಥ ತುಂಡುಗಳೆಲ್ಲ ಪರದೇಶವಾದವು. 2015ರ ಜುಲೈ 31ರ ಮಧ್ಯರಾತ್ರಿ ಎರಡೂ ದೇಶಗಳು ಅವನ್ನು ಅದಲು ಬದಲು ಮಾಡಿಕೊಂಡವು. ಭಾರತ 111 ತುಂಡು ಕೊಟ್ಟಿತು, 51 ಪಡೆಯಿತು. ಅಲ್ಲಿಯವರೆಗೆ ಆ ಜನ ಶಾಲೆಗೆ, ಆಸ್ಪತ್ರೆಗೆ ಹೋಗಬೇಕಾದರೂ ಗಡಿ ದಾಟಬೇಕಿತ್ತು. ನನ್ನ ಅಕಾಡೆಮಿಯಲ್ಲಿ ಈ ಪಾಠ ಎರಡನೇ ವರ್ಷಕ್ಕೆ ಇಟ್ಟಿದ್ದೇನೆ. ಗೆರೆ ಬರೆದ ಮೇಲೆ ಆ ಗೆರೆಯೊಳಗೆ ಯಾರಿಗೆ ಜ್ವರ ಬರುತ್ತದೆ, ಅವರನ್ನು ಎಲ್ಲಿಗೆ ಕರೆದೊಯ್ಯುತ್ತಾರೆ ಅಂತ ವಿದ್ಯಾರ್ಥಿ ಬರೆಯಲೇಬೇಕು.

ನಡೆದು ನೋಡಲು ಆಗದ ಲೋಕಕ್ಕೆ ಏನು ಮಾಡುವುದು? ಅದಕ್ಕೆ ಗುರುಗಳು ನಮ್ಮ ಜೈನ ಪರಂಪರೆಯಲ್ಲೇ ಇದ್ದಾರೆ. ನಡುವೆ ಜಂಬೂದ್ವೀಪ, ಅಡ್ಡಳತೆ 1 ಲಕ್ಷ ಯೋಜನ. ಸುತ್ತ ಲವಣ ಸಮುದ್ರ, ಅದರ ಅಗಲ 2 ಲಕ್ಷ. ಆಮೇಲೆ ಧಾತಕೀಖಂಡ 4, ಕಾಲೋದಧಿ 8, ಪುಷ್ಕರ ದ್ವೀಪ 16. ಪ್ರತಿ ಸುತ್ತೂ ಹಿಂದಿನದರ ಎರಡರಷ್ಟು. ಪುಷ್ಕರ ದ್ವೀಪದ ಮಧ್ಯದಲ್ಲಿ ಮಾನುಷೋತ್ತರ ಪರ್ವತ, ಮನುಷ್ಯರು ಅಲ್ಲಿಂದಾಚೆ ಹೋಗುವಂತಿಲ್ಲ. ಕಾಗದದ ಮೇಲೆ ಲೆಕ್ಕ ಹಾಕಿ. ಎರಡೂ ಬದಿ ಸೇರಿಸಿದರೆ ಮನುಷ್ಯಲೋಕದ ಅಡ್ಡಳತೆ 45 ಲಕ್ಷ ಯೋಜನ. ಪರಂಪರೆ ಹೇಳುವುದೂ ಅಷ್ಟೇ. ಮೇರುವಿನ ಎಷ್ಟು ಭಾಗ ನೆಲದೊಳಗೆ ಹೂತಿದೆ ಅನ್ನುವುದಕ್ಕೂ ಲೆಕ್ಕ ಇದೆ, ಸಾವಿರ ಯೋಜನ. ನಂಬುವವರಿಗೆ ಅದು ಧರ್ಮ. ಬರೆಯುವ ನಮಗೆ ಅದರಿಂದ ಕಲಿಯುವುದು ಬೇಕಾದಷ್ಟಿದೆ. ಇದಕ್ಕೂ ಚಕ್ಕುಬಂದಿ ಪಕ್ಕಾ!

ಸಮಯ ಆಯಿತು ಅಂತ ಚೀಟಿ ಬಂದಿದೆ. ಮೂರನೇ ವರ್ಷದ ಪಾಠಗಳನ್ನು ಬೇಗ ಹೇಳಿಬಿಡುತ್ತೇನೆ. ಸ್ಯಾಂಡಿ ದ್ವೀಪ: ಆಸ್ಟ್ರೇಲಿಯಾ ಮತ್ತು ನ್ಯೂ ಕ್ಯಾಲಿಡೋನಿಯಾ ನಡುವೆ ನಕ್ಷೆಯಲ್ಲಿತ್ತು, ಗೂಗಲ್‌ನಲ್ಲೂ ಇತ್ತು. 2012ರಲ್ಲಿ ಸಂಶೋಧನಾ ಹಡಗು ಅಲ್ಲಿಗೆ ಹೋದಾಗ ಸಿಕ್ಕಿದ್ದು ಸಾವಿರ ಮೀಟರ್‌ಗೂ ಆಳದ ನೀರು. ಕೋನಿಗ್ಸ್‌ಬರ್ಗ್ ಊರಿನ ಏಳು ಸೇತುವೆಗಳನ್ನು ಒಂದೊಂದನ್ನೂ ಒಂದೇ ಸಲ ದಾಟಿ ಎಲ್ಲವನ್ನೂ ಮುಗಿಸಲು ಆಗುವುದಿಲ್ಲ ಅನ್ನುವ ಲೆಕ್ಕವನ್ನು ಇವತ್ತಿಗೆ ಬಿಡುತ್ತೇನೆ. ಮೋಬಿಯಸ್ ಪಟ್ಟಿಯನ್ನು ಮಾತ್ರ ಬಿಡಲಾರೆ, ಕಾಗದದ ಪಟ್ಟಿಯನ್ನು ಅರ್ಧ ಸುತ್ತು ತಿರುಚಿ ಎರಡು ತುದಿ ಅಂಟಿಸಿದರೆ ಆಗುವ ಬಳೆ ಅದು. ಅದಕ್ಕೆ ಈ ಬದಿ, ಆ ಬದಿ ಅಂತ ಇಲ್ಲವೇ ಇಲ್ಲ, ಇರುವುದು ಒಂದೇ ಬದಿ. ಬಾಯಲ್ಲಿ ಹೇಳಿದರೆ ತಲೆಗೆ ಹೋಗುವುದಿಲ್ಲ, ಕೈಯಲ್ಲೇ ಮಾಡಬೇಕು. ಊಟದ ನಂತರ ಹೊರಗಿನ ಜಗಲಿಯಲ್ಲಿ ಇರುತ್ತೇನೆ. ಕತ್ತರಿ, ಗೋಂದು ನನ್ನ ಹತ್ತಿರ ಇದೆ. ನೀವು ಒಂದೊಂದು ಹಾಳೆ ತನ್ನಿ, ಜೊತೆಗೆ ನಿಮ್ಮ ಕಥೆಯ ನಕ್ಷೆಯನ್ನೂ ತನ್ನಿ.