ನಮ್ಮವರ ಚರಿತ್ರೆಯೂ ಪಾಠದಲ್ಲಿರಲಿ: ಚಿಕಾನೋ ಮಕ್ಕಳು ಶಾಲೆಯಲ್ಲಿ ಕೇಳಿದ್ದು

[ತೆರೆಯ ಮೇಲೆ: ಪೂರ್ವ ಲಾಸ್ ಏಂಜಲೀಸ್‌ನ ನಕ್ಷೆ, ಶಾಲೆಗಳ ಗುರುತು]

ನಮಸ್ಕಾರ. 1968ರ ಮಾರ್ಚ್ ತಿಂಗಳು. ಲಾಸ್ ಏಂಜಲೀಸ್‌ನ ಪೂರ್ವ ಭಾಗದ ಹೈಸ್ಕೂಲುಗಳಿಂದ ಮಕ್ಕಳು ತರಗತಿ ಬಿಟ್ಟು ರಸ್ತೆಗಿಳಿದರು. ವಿಲ್ಸನ್, ಗಾರ್ಫೀಲ್ಡ್, ಲಿಂಕನ್, ರೂಸ್‌ವೆಲ್ಟ್, ಹೀಗೆ ಒಂದರ ಹಿಂದೊಂದು ಶಾಲೆ. ಹೊರಬಂದವರು ಸಾವಿರಾರು ಮಂದಿ, ಹೆಚ್ಚಿನವರು ಚಿಕಾನೋಗಳು, ಅಂದರೆ ಅಮೆರಿಕದಲ್ಲಿರುವ ಮೆಕ್ಸಿಕನ್ ಮೂಲದವರು, ಕೂಲಿಕಾರ್ಮಿಕರ ಮನೆಯ ಮಕ್ಕಳು.

ಅವರ ದೂರು ಏನಿತ್ತು ಕೇಳಿ. ಊಟದ ಹೊತ್ತಿನಲ್ಲಿ ಶೌಚಾಲಯಕ್ಕೆ ಬೀಗ ಹಾಕುತ್ತಾರೆ. ಸ್ಪ್ಯಾನಿಷ್ ಮಾತಾಡಿದರೆ ಶಿಕ್ಷೆ. ಹುಡುಗರಿಗೆ ಗ್ಯಾರೇಜ್ ಕೆಲಸ, ಹುಡುಗಿಯರಿಗೆ ಹೊಲಿಗೆ ಅಂತ ಮೊದಲೇ ತೀರ್ಮಾನ ಮಾಡಿಬಿಡುತ್ತಾರೆ, ಕಾಲೇಜಿಗೆ ಹೋಗುವ ಮಾತೇ ಇಲ್ಲ. ಚರಿತ್ರೆಯ ಪುಸ್ತಕ ತೆರೆದರೆ ನಮ್ಮ ಅಜ್ಜ ಅಜ್ಜಿಯರ ಸುದ್ದಿಯೇ ಇಲ್ಲ. ಶೌಚಾಲಯದ ಬೀಗ ಮತ್ತು ಪುಸ್ತಕದ ಪಾಠ, ಎರಡನ್ನೂ ಈ ಮಕ್ಕಳು ಒಂದೇ ಉಸಿರಿನಲ್ಲಿ ಹೇಳಿದರು. ನನಗೆ ಈ ಘಟನೆಯಲ್ಲಿ ಅತಿ ಮುಖ್ಯ ಅನ್ನಿಸುವುದು ಇದೇ. ಅವರ ಮಟ್ಟಿಗೆ ಎರಡೂ ಮರ್ಯಾದೆಯ ಪ್ರಶ್ನೆ.

ಅವರ ಬೆನ್ನಿಗೆ ನಿಂತವರು ಲಿಂಕನ್ ಹೈಸ್ಕೂಲಿನ ಮೇಷ್ಟ್ರು ಸಾಲ್ ಕ್ಯಾಸ್ಟ್ರೋ. ಅವರೂ ಸೇರಿ 13 ಮಂದಿಯ ಮೇಲೆ ಸಂಚಿನ ಮೊಕದ್ದಮೆ ಬಿತ್ತು, ಮೇಷ್ಟ್ರ ಕೆಲಸವೂ ಹೋಯಿತು. ಆಗ ತಂದೆ ತಾಯಂದಿರು, ವಿದ್ಯಾರ್ಥಿಗಳು ಶಿಕ್ಷಣ ಮಂಡಳಿಯ ಕಚೇರಿಯಲ್ಲೇ ಧರಣಿ ಕೂತು ಮೇಷ್ಟ್ರನ್ನು ವಾಪಸ್ ತರಿಸಿಕೊಂಡರು. ಮೊಕದ್ದಮೆಯೂ ಮುಂದೆ ಬಿದ್ದುಹೋಯಿತು.

[ತೆರೆಯ ಮೇಲೆ: 1848ಕ್ಕೆ ಮೊದಲಿನ ಮತ್ತು ನಂತರದ ಗಡಿ]

ಇವರೆಲ್ಲ ವಲಸೆ ಬಂದವರಲ್ಲವೇ ಅಂತ ಕೇಳಬಹುದು. ಬಹಳ ಮಂದಿ ಹೌದು. ಆದರೆ ಎಲ್ಲರೂ ಅಲ್ಲ. 1848ರಲ್ಲಿ ಯುದ್ಧ ಸೋತ ಮೆಕ್ಸಿಕೋ, ಗ್ವಾದಲೂಪೆ ಇದಾಲ್ಗೋ ಒಪ್ಪಂದದ ಪ್ರಕಾರ ಕ್ಯಾಲಿಫೋರ್ನಿಯಾ ಸೇರಿ ತನ್ನ ಅರ್ಧದಷ್ಟು ನೆಲವನ್ನು ಅಮೆರಿಕಕ್ಕೆ ಬಿಟ್ಟುಕೊಟ್ಟಿತು. ಅಲ್ಲೇ ತಲೆಮಾರುಗಳಿಂದ ಉತ್ತು ಬಿತ್ತಿಕೊಂಡಿದ್ದವರು ಮನೆಯಿಂದ ಕದಲದೆ ಬೇರೆ ದೇಶದವರಾದರು. "ನಾವು ಗಡಿ ದಾಟಲಿಲ್ಲ, ಗಡಿಯೇ ನಮ್ಮನ್ನು ದಾಟಿತು" ಎನ್ನುವ ಅವರ ಘೋಷಣೆ ಹುಟ್ಟಿದ್ದು ಇದರಿಂದ. ಚಿಕಾನೋ ಅಂತ ಕರೆದರೆ ಒಂದು ಕಾಲಕ್ಕೆ ಬೈಗುಳ. 60ರ ದಶಕದ ಯುವಕರು ಅದನ್ನೇ ತಮ್ಮ ಹೆಸರಾಗಿ ಎತ್ತಿ ಹಿಡಿದರು.

ರಸ್ತೆಯ ಬೇಡಿಕೆ ವಿಶ್ವವಿದ್ಯಾಲಯಕ್ಕೆ ಬರಲು ತಡವಾಗಲಿಲ್ಲ. 1969ರ ಏಪ್ರಿಲ್‌ನಲ್ಲಿ ಸಾಂಟಾ ಬಾರ್ಬರಾದಲ್ಲಿ ವಿದ್ಯಾರ್ಥಿಗಳು, ಅಧ್ಯಾಪಕರು ಸೇರಿ ಚಿಕಾನೋ ಅಧ್ಯಯನ ಹೇಗಿರಬೇಕು ಅಂತ ಒಂದು ಯೋಜನೆಯನ್ನೇ ಬರೆದರು. ಅದೇ ವರ್ಷ ಇಂದಿನ ನಾರ್ತ್‌ರಿಜ್ ವಿಶ್ವವಿದ್ಯಾಲಯದಲ್ಲಿ ಇತಿಹಾಸಕಾರ ರುಡೊಲ್ಫೋ ಅಕೂನ್ಯಾ ವಿಭಾಗ ಕಟ್ಟಲು ಕೂತರು. ಆದರೆ ಪಾಠ ಮಾಡಬೇಕೆಂದರೆ ಪುಸ್ತಕ ಬೇಕಲ್ಲ?

ಇಲ್ಲಿ ತೊಮಾಸ್ ರಿವೇರಾ ಬರುತ್ತಾರೆ. ಟೆಕ್ಸಾಸ್‌ನ ಕ್ರಿಸ್ಟಲ್ ಸಿಟಿಯಲ್ಲಿ 1935ರಲ್ಲಿ ಹುಟ್ಟಿದವರು. ಮನೆಯವರದ್ದು ಗುಳೆ ಬದುಕು. ಬೆಳೆ ಎಲ್ಲಿ ಕೊಯ್ಲಿಗೆ ಬಂತೋ ಅಲ್ಲಿಗೆ ಕೂಲಿಗೆ ಹೋಗುವುದು. ಅವರು ಸ್ಪ್ಯಾನಿಷ್‌ನಲ್ಲಿ ಬರೆದ ಚಿಕ್ಕ ಪುಸ್ತಕವೊಂದನ್ನು ಬರ್ಕ್ಲಿಯ ಕ್ವಿಂಟೋ ಸೋಲ್ ಎಂಬ ಪುಟ್ಟ ಪ್ರಕಾಶನ ಬಹುಮಾನ ಕೊಟ್ಟು 1971ರಲ್ಲಿ ಅಚ್ಚು ಹಾಕಿಸಿತು. ಚಿಕಾನೋ ಜನರೇ ನಡೆಸುತ್ತಿದ್ದ ಪ್ರಕಾಶನ ಅದು.

ಅದರಲ್ಲೊಂದು ಕಥೆ. ಕೂಲಿಯವರ ಹುಡುಗ ಉತ್ತರದ ಯಾವುದೋ ಊರಿನ ಶಾಲೆಗೆ ಸೇರುತ್ತಾನೆ. ಮೊದಲು ನರ್ಸ್ ಬಂದು ಅವನ ತಲೆಯಲ್ಲಿ ಹೇನು ಹುಡುಕುತ್ತಾಳೆ. ಆಮೇಲೆ ಹುಡುಗರ ಜಗಳದಲ್ಲಿ ಸಿಕ್ಕಿಕೊಳ್ಳುತ್ತಾನೆ, ಶಾಲೆಯಿಂದ ಹೊರಗೆ ಹಾಕುತ್ತಾರೆ. ಇವನನ್ನು ಕಳಿಸಿದರೆ ಮನೆಯವರಿಗೇನೂ ಬೇಜಾರಾಗದು, ಹೊಲಕ್ಕೆ ಆಳು ಸಿಕ್ಕ ಹಾಗಾಯಿತು ಎಂಬಂತೆ ಶಾಲೆಯವರ ಧೋರಣೆ. ನಿಜ ಏನೆಂದರೆ ಆ ಅಪ್ಪ ಅಮ್ಮ ಮಗನ ಓದಿನ ಮೇಲೆ ಜೀವ ಇಟ್ಟುಕೊಂಡಿದ್ದಾರೆ. ಹುಡುಗ ಮನೆಯ ದಾರಿಯಲ್ಲಿ ಕಾಲೆಳೆಯುತ್ತಾ, ಅವರಿಗೆ ಹೇಗಪ್ಪಾ ಹೇಳುವುದು ಅಂತ ಒದ್ದಾಡುತ್ತಾನೆ. ಈ ಪುಟಗಳನ್ನು ಓದುವಾಗ ಗಂಟಲು ಕಟ್ಟುತ್ತದೆ. ಇದನ್ನು ಬರೆದವರು 1979ರಲ್ಲಿ ರಿವರ್‌ಸೈಡ್‌ನ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ಮುಖ್ಯಸ್ಥರಾದರು. ಅಲ್ಲಿನ ಗ್ರಂಥಾಲಯಕ್ಕೆ ಈಗ ಅವರದೇ ಹೆಸರು.

ನಂತರ ಸಾಂಡ್ರಾ ಸಿಸ್ನೆರೋಸ್, ಗ್ಲೋರಿಯಾ ಆನ್ಸಾಲ್ದುವಾ ಎಂಬ ಲೇಖಕಿಯರು ಬಂದರು, ಮನೆಯೊಳಗಿನ ಹೆಣ್ಣುಮಕ್ಕಳ ಮಾತು ಬಂತು. ಅವರ ಬಗ್ಗೆ ಬೇರೆಯೇ ವಿಡಿಯೋ ಮಾಡಬೇಕು.

[ತೆರೆಯ ಮೇಲೆ: ಟೂಸಾನ್, ಅರಿಜೋನಾ]

ಈಗ ಟೂಸಾನ್‌ಗೆ ಹೋಗೋಣ. 1853ರ ಒಪ್ಪಂದದಲ್ಲಿ ಅಮೆರಿಕ ಮೆಕ್ಸಿಕೋದಿಂದ ಕೊಂಡುಕೊಂಡ ನೆಲ ಇದು. ಇಲ್ಲಿನ ಸಾರ್ವಜನಿಕ ಶಾಲೆಗಳಲ್ಲಿ 1998ರಿಂದ ಮೆಕ್ಸಿಕನ್ ಅಮೆರಿಕನ್ ಅಧ್ಯಯನ ನಡೆಯುತ್ತಿತ್ತು. 2010ರಲ್ಲಿ ಅರಿಜೋನಾ ಸರ್ಕಾರ ಒಂದು ಕಾಯ್ದೆ ತಂದಿತು: ಒಂದು ಜನಾಂಗದ ಮೇಲೆ ದ್ವೇಷ ಹುಟ್ಟಿಸುವ, ಜನಾಂಗದ ಒಗ್ಗಟ್ಟನ್ನು ಬೋಧಿಸುವ ಪಾಠ ಇರಕೂಡದು, ಇದ್ದರೆ ಅನುದಾನಕ್ಕೆ ಕತ್ತರಿ. 2011ರ ಏಪ್ರಿಲ್‌ನಲ್ಲಿ ವಿದ್ಯಾರ್ಥಿಗಳು ಶಾಲಾ ಮಂಡಳಿಯ ಸಭಾಂಗಣಕ್ಕೆ ನುಗ್ಗಿ, ಸದಸ್ಯರ ಕುರ್ಚಿಗಳಿಗೆ ಸರಪಳಿ ಹಾಕಿ ತಮ್ಮನ್ನು ತಾವೇ ಕಟ್ಟಿಕೊಂಡರು. ಸಭೆ ನಡೆಯಲಿಲ್ಲ. ಆದರೆ 2012ರ ಜನವರಿಯಲ್ಲಿ ಮಂಡಳಿ ಪಾಠವನ್ನು ನಿಲ್ಲಿಸಿಯೇಬಿಟ್ಟಿತು. ಏಳು ಪುಸ್ತಕಗಳ ಪ್ರತಿಗಳನ್ನು ತರಗತಿಗಳಿಂದ ಎತ್ತಿ ಪೆಟ್ಟಿಗೆಗೆ ತುಂಬಿ ಉಗ್ರಾಣಕ್ಕೆ ಸಾಗಿಸಿದರು. ಅಕೂನ್ಯಾ ಬರೆದ ಚರಿತ್ರೆಯೂ ಅದರಲ್ಲಿತ್ತು. ಆ ಮಾರ್ಚ್‌ನಲ್ಲಿ ಹ್ಯೂಸ್ಟನ್‌ನಿಂದ ಲೇಖಕ ಟೋನಿ ಡಿಯಾಜ್ ಮತ್ತು ಗೆಳೆಯರು ಇಂಥ ಪುಸ್ತಕಗಳನ್ನೇ ಬಸ್ಸಿಗೆ ಹೇರಿಕೊಂಡು ಟೂಸಾನ್‌ಗೆ ಹೊರಟರು, ದಾರಿಯುದ್ದಕ್ಕೂ ಓದಿಸುತ್ತಾ, ಹಂಚುತ್ತಾ.

ದ್ವೇಷ ಹುಟ್ಟುತ್ತದೆ ಎಂಬ ಆರೋಪಕ್ಕೆ ಉತ್ತರ ಅಂಕಿಅಂಶದಲ್ಲೇ ಇತ್ತು. ಈ ತರಗತಿಗೆ ಬರುವ ಮೊದಲು ಬಹಳ ಮಕ್ಕಳ ಅಂಕ ಕಡಿಮೆ. ತರಗತಿ ಮುಗಿಸಿದವರು ರಾಜ್ಯದ ಪರೀಕ್ಷೆ ಪಾಸಾಗುವ, ಹೈಸ್ಕೂಲು ಪೂರೈಸುವ ಸಾಧ್ಯತೆ ಉಳಿದವರಿಗಿಂತ ಹೆಚ್ಚು ಅಂತ ಅರಿಜೋನಾ ವಿಶ್ವವಿದ್ಯಾಲಯದ ಸಂಶೋಧಕರು ತೋರಿಸಿದರು. ಶಾಲೆ ಬಿಟ್ಟುಹೋಗಬಹುದಾಗಿದ್ದ ಮಕ್ಕಳನ್ನು ಹಿಡಿದಿಟ್ಟುಕೊಂಡ ಪಾಠ ಇದು. ಅದನ್ನು ಮುಚ್ಚಿದ್ದು ಅನ್ಯಾಯ, ಬೇರೆ ಮಾತಿಲ್ಲ.

2017ರ ಆಗಸ್ಟ್‌ನಲ್ಲಿ ಫೆಡರಲ್ ನ್ಯಾಯಾಧೀಶ ವ್ಯಾಲೇಸ್ ತಾಶಿಮಾ ಕೂಡ ಇದರ ಹಿಂದೆ ಇದ್ದದ್ದು ಜನಾಂಗೀಯ ದ್ವೇಷ, ಇದು ಸಂವಿಧಾನಕ್ಕೆ ವಿರುದ್ಧ ಅಂತ ತೀರ್ಪು ಕೊಟ್ಟರು. ತಾಶಿಮಾ ಜಪಾನಿ ಮೂಲದವರು. ಎರಡನೇ ಮಹಾಯುದ್ಧದ ಕಾಲದಲ್ಲಿ, ಅವರು ಹುಡುಗನಾಗಿದ್ದಾಗ, ಅವರನ್ನು ಕೂಡಿಹಾಕಿದ್ದು ಇದೇ ಅರಿಜೋನಾದಲ್ಲಿ, ಜಪಾನಿ ಮೂಲದವರನ್ನು ಬಂಧಿಸಿಡುತ್ತಿದ್ದ ಪೋಸ್ಟನ್ ಶಿಬಿರದಲ್ಲಿ.

ಕ್ಯಾಲಿಫೋರ್ನಿಯಾದಲ್ಲಿ 2021ರ ಕಾಯ್ದೆಯೊಂದು ಹೈಸ್ಕೂಲಿನಲ್ಲಿ ಜನಾಂಗೀಯ ಅಧ್ಯಯನವನ್ನು, ಅಂದರೆ ಇಂಥ ಬೇರೆ ಬೇರೆ ಸಮುದಾಯಗಳ ಚರಿತ್ರೆಯ ಪಾಠವನ್ನು, ಕಡ್ಡಾಯ ಮಾಡಲು ಹೊರಟಿದೆ; ರಾಜ್ಯ ಹಣ ಕೊಟ್ಟರೆ ಮಾತ್ರ ಜಾರಿ ಎಂಬ ಷರತ್ತೂ ಅದರಲ್ಲೇ ಇದೆ. ಅಲ್ಲಿನ ಕನ್ನಡ ಕುಟುಂಬಗಳ ಮಕ್ಕಳೂ ಕೂರುವ ತರಗತಿ ಅದು, ಏಷ್ಯಾದವರ ಚರಿತ್ರೆಯೂ ಅದರಲ್ಲಿ ಬರುತ್ತದೆ. ಅಲ್ಲಿರುವವರು ನಿಮ್ಮ ಮಕ್ಕಳ ಶಾಲೆಯಲ್ಲಿ ಏನು ಓದಿಸುತ್ತಿದ್ದಾರೆ ಅಂತ ಕಾಮೆಂಟಿನಲ್ಲಿ ಬರೆಯಿರಿ. ಓದಲು ಎಲ್ಲಿಂದ ಶುರು ಮಾಡಲಿ ಅನ್ನುವವರು ರಿವೇರಾ ಪುಸ್ತಕದ ಇಂಗ್ಲಿಷ್ ಅನುವಾದ And the Earth Did Not Devour Him ಹಿಡಿಯಿರಿ. ತೆಳು ಪುಸ್ತಕ, ಒಂದು ಭಾನುವಾರ ಸಾಕು.