ಶಾಯಿಯಲ್ಲಿ ಕಟ್ಟಿದ ಕೋಟೆಗಳು: ವಿಕ್ಟರ್ ಹ್ಯೂಗೊ ಬರೆದದ್ದು, ಬಿಡಿಸಿದ್ದು

ಪರದೆಯ ಮೇಲೆ ಈಗ ಕಾಣುತ್ತಿರುವ ಚಿತ್ರವನ್ನು ನಿಧಾನವಾಗಿ ನೋಡಿ. ಕಲ್ಲಿನದೊಂದು ಕೋಟೆ, ಅದರ ಪಕ್ಕ ಎತ್ತರದ ಶಿಲುಬೆ, ಸುತ್ತಲೂ ಕಂದು ಕತ್ತಲು. ಮೂಲ ಚಿತ್ರದ ಅಗಲ ಒಂದು ಮೀಟರಿಗೂ ಹೆಚ್ಚು. 1850ರಲ್ಲಿ ಇದನ್ನು ಬಿಡಿಸಿದವರು ಯಾವ ಕಲಾಶಾಲೆಯಲ್ಲೂ ಕಲಿತವರಲ್ಲ. ಅವರು 'ನೋತ್ರ್ ದಾಮ್ ದ ಪಾರಿ' ಮತ್ತು 'ಲೆ ಮಿಸೆರಾಬ್ಲ್' ಬರೆದ ವಿಕ್ಟರ್ ಹ್ಯೂಗೊ.

ಕವಿ, ನಾಟಕಕಾರ, ಕಾದಂಬರಿಕಾರ ಹ್ಯೂಗೊ ನಮಗೆ ಗೊತ್ತು. ಸುಮಾರು 4,000 ಚಿತ್ರಗಳನ್ನು ಬಿಟ್ಟುಹೋದ ಹ್ಯೂಗೊ ಅಷ್ಟಾಗಿ ಗೊತ್ತಿಲ್ಲ. ಆ ಚಿತ್ರಗಳಲ್ಲಿ ಬಹುಪಾಲು ಕಾಗದದ ಮೇಲೆ ಶಾಯಿಯಲ್ಲಿ ಮಾಡಿದವು. ಅವನ್ನು ಕಾದಂಬರಿಕಾರರ ಬಿಡುವಿನ ಹವ್ಯಾಸ ಎಂದು ಬದಿಗಿಡುವವರಿದ್ದಾರೆ. ನನಗೆ ಅದು ಒಪ್ಪಿಗೆಯಿಲ್ಲ. ಹ್ಯೂಗೊ ಇತಿಹಾಸವನ್ನು ಬರೆದ ಕ್ರಮ ಮತ್ತು ಕತ್ತಲನ್ನು ಬಿಡಿಸಿದ ಕ್ರಮ ಒಂದೇ: ಮೊದಲು ಒಂದು ದೊಡ್ಡ ಗಾತ್ರ, ಒಂದು ಕಟ್ಟಡ, ಒಂದು ಶಾಯಿಯ ಕಲೆ. ಮನುಷ್ಯರು ಅದರೊಳಗಿಂದ ಆಮೇಲೆ ಹೊರಬರುತ್ತಾರೆ.

ಹುಟ್ಟಿದ್ದು 1802ರ ಫೆಬ್ರವರಿ 26, ಬೆಜಾನ್ಸೊನ್‌ನಲ್ಲಿ. ತಂದೆ ನೆಪೋಲಿಯನ್ ಸೈನ್ಯದ ಅಧಿಕಾರಿ. ತಾಯಿ ನಾಂತ್ ಕಡೆಯವರು, ರಾಜಪಕ್ಷದ ಕಡೆ ಒಲವಿದ್ದವರು. ಮನೆಯೊಳಗಿನ ಈ ಬಿರುಕನ್ನು ನೆನಪಿಡಿ, ಕೊನೆಯ ಕಾದಂಬರಿಯ ಹೊತ್ತಿಗೆ ಬೇಕಾಗುತ್ತದೆ.

'ನೋತ್ರ್ ದಾಮ್' ಕಾದಂಬರಿಯ ಒಪ್ಪಂದ ಪ್ರಕಾಶಕ ಗೋಸ್ಲೆನ್ ಜೊತೆ 1828ರಲ್ಲೇ ಆಗಿತ್ತು. ನಾಟಕಗಳ ಗಡಿಬಿಡಿಯಲ್ಲಿ ಗಡುವು ಮೀರಿತು. ಹೊಸ ಗಡುವಿಗೆ ಒಂದು ಷರತ್ತು ಬಂತು: ತಡವಾದರೆ ವಾರಕ್ಕೆ 1,000 ಫ್ರಾಂಕ್ ದಂಡ. 1830ರ ಜುಲೈ ಕೊನೆಗೆ ಬರವಣಿಗೆ ಶುರುವಾದ ಎರಡೇ ದಿನಕ್ಕೆ ಪ್ಯಾರಿಸ್‌ನಲ್ಲಿ ಕ್ರಾಂತಿ. ಮನೆ ಸಾಮಾನು ಸಾಗಿಸುವ ಅವಸರದಲ್ಲಿ ಟಿಪ್ಪಣಿಗಳ ಪುಸ್ತಕವೊಂದು ಕಳೆದುಹೋಯಿತು. ಮತ್ತೆ ಕೂತದ್ದು ಸೆಪ್ಟೆಂಬರ್‌ನಲ್ಲಿ. ಪತ್ನಿ ಅದೇಲ್ ಬರೆದಿಟ್ಟ ನೆನಪಿನ ಪ್ರಕಾರ, ಒಂದು ಶಾಯಿ ಸೀಸೆ ಕೊಂಡರು, ಕುತ್ತಿಗೆಯಿಂದ ಕಾಲಿನವರೆಗೆ ಮುಚ್ಚುವ ಬೂದು ಉಣ್ಣೆಯ ಉಡುಪು ಕೊಂಡರು, ಹೊರಗೆ ಹೋಗುವ ಬಟ್ಟೆಗಳನ್ನು ಬೀಗ ಹಾಕಿಟ್ಟರು. 1831ರ ಜನವರಿ ಮಧ್ಯದಲ್ಲಿ ಕೊನೆಯ ಸಾಲಿಗೂ ಸೀಸೆಯ ಕೊನೆಯ ಹನಿಗೂ ಸರಿಹೋಯಿತಂತೆ. ಪುಸ್ತಕ ಮಾರ್ಚ್ 16ಕ್ಕೆ ಹೊರಬಂತು.

ಕಥೆ ನಡೆಯುವುದು 1482ರಲ್ಲಿ. ಆದರೆ ಮೂರನೆಯ ಭಾಗಕ್ಕೆ ಬಂದಾಗ ಕಥೆ ಪೂರ್ತಿ ನಿಂತುಬಿಡುತ್ತದೆ. ನಾಯಕಿ ಎಸ್ಮೆರಾಲ್ಡಾ ಇಲ್ಲ, ಗೂನುಬೆನ್ನಿನ ಗಂಟೆಗಾರ ಕ್ವಾಸಿಮೊಡೊ ಇಲ್ಲ. ಒಂದು ಅಧ್ಯಾಯ ನೋತ್ರ್ ದಾಮ್ ಚರ್ಚಿನ ಕಲ್ಲುಗಳ ಬಗ್ಗೆ, ಇನ್ನೊಂದು ಗೋಪುರದ ತುದಿಯಿಂದ ಕಾಣುವ ಹದಿನೈದನೆಯ ಶತಮಾನದ ಪ್ಯಾರಿಸ್ ಬಗ್ಗೆ. ಸೊವಾಲ್ ಎಂಬ ಹಳೆಯ ಇತಿಹಾಸಕಾರ ಪ್ಯಾರಿಸ್ ಬಗ್ಗೆ ಬರೆದ ಗ್ರಂಥದಿಂದ ಹ್ಯೂಗೊ ಬೀದಿ, ಗೋಡೆ, ಬಾಗಿಲುಗಳ ಹೆಸರನ್ನು ತೆಗೆದುಕೊಂಡಿದ್ದಾರೆ. ಅನೇಕರು ಪುಸ್ತಕ ಮುಚ್ಚುವುದು ಇಲ್ಲೇ. ನನ್ನ ಸಲಹೆ: ಹಳೆಯ ಪ್ಯಾರಿಸ್‌ನ ನಕ್ಷೆಯೊಂದನ್ನು ಪಕ್ಕದಲ್ಲಿಟ್ಟುಕೊಂಡು ಓದಿ. ನದಿಯ ನಡುವಿನ ದ್ವೀಪ, ಎಡದಂಡೆಯ ವಿಶ್ವವಿದ್ಯಾಲಯ, ಬಲದಂಡೆಯ ಪೇಟೆ, ಈ ಮೂರನ್ನು ಗುರುತು ಮಾಡಿಕೊಂಡರೆ ಅಧ್ಯಾಯ ತಾನಾಗಿ ತೆರೆದುಕೊಳ್ಳುತ್ತದೆ. ಇಡೀ ಕಾದಂಬರಿಯ ಅಡಿಪಾಯ ಇದು, ಹಾರಿಸಬೇಡಿ. ಇನ್ನೊಂದು ಎಚ್ಚರಿಕೆ: 1831ರ ಮೊದಲ ಮುದ್ರಣವನ್ನು ಆಧರಿಸಿದ ಪ್ರತಿಗಳಲ್ಲಿ ಮೂರು ಅಧ್ಯಾಯಗಳು ಇರುವುದಿಲ್ಲ. ಅವು ಸೇರಿದ್ದು 1832ರ ಆವೃತ್ತಿಗೆ. ಮುದ್ರಣಕಲೆ ಬಂದ ಮೇಲೆ ಕಟ್ಟಡಗಳು ಮಾತು ಕಳೆದುಕೊಂಡವು ಎಂದು ವಾದಿಸುವ ಪ್ರಸಿದ್ಧ ಅಧ್ಯಾಯ ಅವುಗಳಲ್ಲೇ ಇದೆ.

ಆ ಹೊತ್ತಿಗೆ ಚರ್ಚು ಹಾಳುಬಿದ್ದಿತ್ತು. ಹಳೆಯ ಶಿಖರವನ್ನು ಹದಿನೆಂಟನೆಯ ಶತಮಾನದಲ್ಲೇ ಇಳಿಸಿದ್ದರು, ಕಾದಂಬರಿಯಲ್ಲೇ ಆ ಸಿಟ್ಟು ಇದೆ. 1832ರಲ್ಲಿ ಸ್ಮಾರಕಗಳನ್ನು ಕೆಡಹುವವರ ವಿರುದ್ಧ ಹ್ಯೂಗೊ ಬಹಿರಂಗ ಲೇಖನ ಬರೆದರು. ಕಾದಂಬರಿ ಎಬ್ಬಿಸಿದ ಜನಾಭಿಪ್ರಾಯ ಗಟ್ಟಿಯಾಗಿ, 1844ರಲ್ಲಿ ಜೀರ್ಣೋದ್ಧಾರದ ಕೆಲಸ ವಾಸ್ತುಶಿಲ್ಪಿಗಳಾದ ಲಾಸ್ಯು ಮತ್ತು ವಿಯೊಲೆ-ಲ-ದುಕ್ ಕೈಗೆ ಹೋಯಿತು. 2019ರ ಏಪ್ರಿಲ್ 15ರ ಬೆಂಕಿಯಲ್ಲಿ ಉರಿದುಬಿದ್ದ ಶಿಖರ ವಿಯೊಲೆ-ಲ-ದುಕ್ ಕಟ್ಟಿಸಿದ್ದು. ಕ್ವಾಸಿಮೊಡೊ ಕಾಲದ್ದೂ ಅಲ್ಲ, ಹ್ಯೂಗೊ ಕಾದಂಬರಿ ಬರೆಯುವಾಗ ಅಲ್ಲಿದ್ದದ್ದೂ ಅಲ್ಲ.

ಚಿತ್ರಗಳು ಗಂಭೀರವಾದದ್ದು ಪ್ರಯಾಣಗಳಲ್ಲಿ. ಪ್ರೇಯಸಿ ಜೂಲಿಯೆಟ್ ದ್ರೂಯೆ ಜೊತೆ ಹೋದಲ್ಲೆಲ್ಲ ಪುಟ್ಟ ಪುಸ್ತಕದಲ್ಲಿ ಪೆನ್ಸಿಲ್ ಗೆರೆಗಳು. ಪತ್ನಿಗೆ, ಮಕ್ಕಳಿಗೆ, ಚಿತ್ರಕಾರ ಗೆಳೆಯ ಲೂಯಿ ಬುಲಾಂಜೆಗೆ ಬರೆದ ಪತ್ರಗಳಲ್ಲಿ ಗೋಪುರಗಳು. 1840ರ ರೈನ್ ನದಿಯ ಪ್ರವಾಸದ ಹೊತ್ತಿಗೆ ಪಾಳುಬಿದ್ದ ಕೋಟೆಗಳೇ ಮುಖ್ಯ ವಸ್ತುವಾದವು. 1843ರ ಸೆಪ್ಟೆಂಬರ್ 4ರಂದು ಹಿರಿಮಗಳು ಲಿಯೊಪೊಲ್ದೀನ್ ವಿಲ್ಕಿಯೆ ಬಳಿ ಸೇನ್ ನದಿಯಲ್ಲಿ ಮುಳುಗಿ ತೀರಿಕೊಂಡಳು. ಆಮೇಲೆ ವರ್ಷಗಳ ಕಾಲ ಹೊಸ ಪುಸ್ತಕವೇ ಪ್ರಕಟವಾಗಲಿಲ್ಲ. 1845ರಲ್ಲಿ ಹಿಡಿದ ದೊಡ್ಡ ಕಾದಂಬರಿ, ಮುಂದೆ 'ಲೆ ಮಿಸೆರಾಬ್ಲ್' ಆದದ್ದು, 1848ರ ಕ್ರಾಂತಿಗೆ ನಿಂತುಹೋಯಿತು. ಆ ನಿಂತ ಕಾಲದಲ್ಲೇ, ಮುಖ್ಯವಾಗಿ 1850ರಲ್ಲಿ, ದೊಡ್ಡ ಅಳತೆಯ ಚಿತ್ರಗಳು ಬಂದವು.

ಈಗ ಕೈಕೆಲಸಕ್ಕೆ ಬರೋಣ. ಹ್ಯೂಗೊ ಬಳಸಿದ್ದು ಬರೆಯುವ ಹೆಬ್ಬಾತಿನ ಗರಿ, ಬರೆಯುವ ಶಾಯಿ, ಕುಂಚ. 1860ರಲ್ಲಿ ಕವಿ ಬೋದಲೇರ್‌ಗೆ ಬರೆದ ಪತ್ರದಲ್ಲಿ ಅವರೇ ಪಟ್ಟಿ ಕೊಟ್ಟಿದ್ದಾರೆ: ಪೆನ್ಸಿಲ್, ಇದ್ದಿಲು, ಸೆಪಿಯಾ ಎಂಬ ಕಂದು ಬಣ್ಣ, ಕಲ್ಲಿದ್ದಲು, ಹೊಗೆಯ ಮಸಿ, ಇನ್ನೂ ಏನೇನೋ ವಿಚಿತ್ರ ಮಿಶ್ರಣಗಳು. ಕಾಫಿಯನ್ನೂ ಬಿಟ್ಟಿಲ್ಲ. ಗರಿಯ ತುದಿಯಿಂದ ಗೆರೆ, ಗರಿಯ ಎಳೆಗಳ ಕಡೆಯಿಂದ ಹರಡು. ಬೆಂಕಿಕಡ್ಡಿ, ಬೆರಳ ತುದಿ, ಎಲ್ಲವೂ ಸಲಕರಣೆ.

ಇದನ್ನು ನೀವೇ ಮಾಡಿನೋಡಿದರೆ ಚಿತ್ರಗಳು ಬೇರೆಯೇ ರೀತಿ ಅರ್ಥವಾಗುತ್ತವೆ. 300 ಜಿಎಸ್‌ಎಂ ಜಲವರ್ಣ ಕಾಗದ ತೆಗೆದುಕೊಳ್ಳಿ, ನಾಲ್ಕೂ ಅಂಚನ್ನು ಹಲಗೆಗೆ ಟೇಪ್ ಹಾಕಿ ಅಂಟಿಸಿ. ತೆಳು ಕಾಗದ ನೀರು ಕುಡಿದು ಉಬ್ಬುತ್ತದೆ, ಶಾಯಿ ತಗ್ಗಿಗೆ ಹೋಗಿ ನಿಲ್ಲುತ್ತದೆ, ಒಣಗಿದ ಮೇಲೆ ಬೇಡದ ಕಡೆ ಕರೆ. ಅಗಲ ಕುಂಚದಿಂದ ಕಾಗದವನ್ನು ಒದ್ದೆ ಮಾಡಿ. ಹೊಳೆಯುವ ನೀರು ಇಂಗಿ, ಮೇಲ್ಮೈ ತಣ್ಣಗಿರುವ ಹೊತ್ತಿಗೆ ತಿಳಿ ಕಂದು ಶಾಯಿ ಬಿಡಿ, ಹಲಗೆಯನ್ನು ಓರೆ ಮಾಡಿ. ಶಾಯಿ ಎಲ್ಲಿಗೆ ಹೋಗುತ್ತದೋ ನೋಡಿ. ಮುಂಚೆಯೇ ಕೋಟೆಯ ಗೆರೆ ಎಳೆಯಬೇಡಿ. ಕಲೆಯಲ್ಲಿ ಗುಡ್ಡವೋ ಮೋಡವೋ ಕಂಡ ಮೇಲೆ, ಪೂರ್ತಿ ಒಣಗಿದ ಮೇಲೆ, ಗರಿ ಅಥವಾ ನಿಬ್ಬಿನಿಂದ ಒಂದು ಕಿಟಕಿ, ಒಂದು ಮೆಟ್ಟಿಲು ಸೇರಿಸಿ. ಅಷ್ಟು ಸಾಕು, ಕಲೆ ಕಟ್ಟಡವಾಗುತ್ತದೆ.

ಕಾಫಿ ಬಳಸುವುದಾದರೆ ಗಟ್ಟಿ ಡಿಕಾಕ್ಷನ್ ಮಾತ್ರ. ಹಾಲು, ಸಕ್ಕರೆ ಸೇರಿದರೆ ಕಾಗದ ಬೂಷ್ಟು ಹಿಡಿಯುತ್ತದೆ, ಇರುವೆ ಮುತ್ತುತ್ತದೆ. ಮಸಿಯದ್ದು ಬೇರೆ ತೊಂದರೆ. ಅದು ನೀರಿನಲ್ಲಿ ಬೆರೆಯದೆ ತೇಲುತ್ತದೆ. ಒಂದೋ ಜಾಲಿ ಗೋಂದಿನ ನೀರಿನಲ್ಲಿ ಅರೆದು ಬಳಸಬೇಕು, ಇಲ್ಲವೇ ಒಣ ಮಸಿಯನ್ನೇ ಹೆಬ್ಬೆರಳಿನಿಂದ ಉಜ್ಜಬೇಕು. ಬಿಳಿ ಬೆಳಕು ಬೇಕಾದ ಕಡೆ ಬ್ಲೇಡಿನ ತುದಿಯಿಂದ ಕೆರೆಯಿರಿ, ಆದರೆ ಕಾಗದದಲ್ಲಿ ಎಳ್ಳಷ್ಟೂ ತೇವ ಇರಬಾರದು. ಇದ್ದರೆ ನಾರು ಎದ್ದು, ಅಲ್ಲಿ ಮುಂದಿನ ಶಾಯಿ ಹತ್ತಿಯಲ್ಲಿ ಬಿದ್ದಂತೆ ಹರಡುತ್ತದೆ.

ಲೇಸ್ ಅಚ್ಚುಗಳು ಗಡೀಪಾರಾಗಿ ಜರ್ಸಿ ದ್ವೀಪದಲ್ಲಿದ್ದ ವರ್ಷಗಳಲ್ಲಿ, 1850ರ ದಶಕದ ಮಧ್ಯದಲ್ಲಿ ಬಂದವು. ಲೇಸ್ ತುಂಡಿಗೆ ಶಾಯಿ ಹಚ್ಚಿ ಕಾಗದಕ್ಕೆ ಒತ್ತುವುದು, ಆ ಗುರುತಿನ ಕಣ್ಣುಗಳಲ್ಲಿ ಮುಖಗಳನ್ನು ಹುಡುಕುವುದು. ಇಲ್ಲಿ ಎಲ್ಲರೂ ಎಡವುವುದು ಶಾಯಿಯ ಪ್ರಮಾಣದಲ್ಲಿ. ಲೇಸ್ ತೊಯ್ದಿದ್ದರೆ ರಂಧ್ರಗಳು ತುಂಬಿ ಬರೀ ಕಪ್ಪು ಉಂಡೆ ಬರುತ್ತದೆ. ಶಾಯಿ ಹಚ್ಚಿದ ಮೇಲೆ ಮೊದಲು ಹಳೆಯ ಪತ್ರಿಕೆಯ ಮೇಲೆ ಒಮ್ಮೆ ಒತ್ತಿ, ನಂತರವೇ ಒಳ್ಳೆಯ ಕಾಗದಕ್ಕೆ. ಒತ್ತುವಾಗ ಸರಿಸಬೇಡಿ, ಎತ್ತುವಾಗ ಒಂದು ಮೂಲೆಯಿಂದ ನೇರ ಮೇಲಕ್ಕೆ.

ಕತ್ತರಿಸಿದ ಕಾಗದದ ಸ್ಟೆನ್ಸಿಲ್ ಅವರ ಇನ್ನೊಂದು ಅಚ್ಚುಮೆಚ್ಚಿನ ಉಪಾಯ. ಕೋಟೆಯ ಆಕಾರ ಕತ್ತರಿಸಿದರೆ ಎರಡು ತುಂಡು ಸಿಗುತ್ತವೆ. ಒಳತುಂಡನ್ನು ಇಟ್ಟು ಸುತ್ತ ಶಾಯಿ ಹಚ್ಚಿದರೆ ಕತ್ತಲಲ್ಲಿ ಬಿಳಿ ಕೋಟೆ, ಹೊರತುಂಡನ್ನು ಇಟ್ಟು ಒಳಗೆ ಹಚ್ಚಿದರೆ ಬೆಳಕಿಗೆ ಎದುರಾದ ಕರಿ ಕೋಟೆ. ಕುಂಚ ಬಹುತೇಕ ಒಣಗಿರಬೇಕು, ಮೇಲಿನಿಂದ ತಟ್ಟಬೇಕು. ಒದ್ದೆ ಕುಂಚವನ್ನು ಎಳೆದರೆ ಶಾಯಿ ಅಂಚಿನಡಿ ನುಸುಳುತ್ತದೆ. ಇನ್ನು ಕಾಗದ ಮಡಚಿ ಮಾಡುವ ಕಲೆಗಳು: ಮಡಿಕೆಯ ಗೆರೆಯ ಹತ್ತಿರ ಶಾಯಿ ಬಿಟ್ಟು, ಮಡಚಿ, ಗೆರೆಯಿಂದ ಹೊರಕ್ಕೆ ಒತ್ತಿ, ಒಣಗುವ ಮುಂಚೆ ಬಿಡಿಸಬೇಕು. ಸ್ವಿಸ್ ವೈದ್ಯ ರೋರ್‌ಷಾಖ್ ಇಂಥ ಕಲೆಗಳನ್ನು ಮನಸ್ಸಿನ ಪರೀಕ್ಷೆಗೆ ಬಳಸಿದ್ದು 1921ರಲ್ಲಿ. ಹ್ಯೂಗೊ ತೀರಿಕೊಂಡು ಆಗಲೇ 36 ವರ್ಷ.

ಗಡೀಪಾರಿನ ಕಥೆ ಚುಟುಕಾಗಿ. 1851ರ ಡಿಸೆಂಬರ್‌ನಲ್ಲಿ ಅಧ್ಯಕ್ಷ ಲೂಯಿ ನೆಪೋಲಿಯನ್ ಫ್ರಾನ್ಸಿನ ಅಧಿಕಾರ ಕಸಿದಾಗ, ವಿರೋಧಿಸಿದ ಹ್ಯೂಗೊ ಬ್ರಸೆಲ್ಸ್‌ಗೆ, 1852ರಲ್ಲಿ ಜರ್ಸಿಗೆ, 1855ರಲ್ಲಿ ಗರ್ನ್‌ಸಿಗೆ. 'ಲೆ ಕೊಂತೆಂಪ್ಲಾಸಿಯೊ' ಕವನಸಂಕಲನದ ಹಣದಿಂದ 1856ರಲ್ಲಿ ಕೊಂಡ ಓತ್‌ವಿಲ್ ಹೌಸ್‌ನ ಮೇಲ್ಗಡೆ ಸಮುದ್ರಕ್ಕೆ ಮುಖಮಾಡಿದ ಗಾಜಿನ ಕೋಣೆ, ಅಲ್ಲಿ ನಿಂತುಕೊಂಡೇ ಬರವಣಿಗೆ.

1854ರಲ್ಲಿ ಗರ್ನ್‌ಸಿಯಲ್ಲಿ ಜಾನ್ ಟ್ಯಾಪ್ನರ್ ಎಂಬ ಕೈದಿಯ ಗಲ್ಲುಶಿಕ್ಷೆ ತಡೆಯಲು ಹ್ಯೂಗೊ ಬರೆದ ಮನವಿ ಫಲಿಸಲಿಲ್ಲ. ಆ ವರ್ಷವೇ ನೇಣಿಗೇರಿದ ಮನುಷ್ಯನ ಚಿತ್ರ ಬಿಡಿಸಿದರು. 1859ರಲ್ಲಿ ಅಮೆರಿಕದಲ್ಲಿ ಗುಲಾಮಗಿರಿಯ ವಿರೋಧಿ ಜಾನ್ ಬ್ರೌನ್‌ಗೆ ಗಲ್ಲಾದ ಮೇಲೆ, ಅಂಥದೇ ಚಿತ್ರವನ್ನು ಷಡ್ಡಕ ಪೋಲ್ ಶೆನೆ ಕೆತ್ತನೆ ಮಾಡಿ ಹಂಚಿದರು. ಶೆನೆಯ ಕೆತ್ತನೆಗಳ ಸಂಪುಟ 1862ರ ಕೊನೆಗೆ ಬಂತು, ಕವಿ ಥಿಯೊಫಿಲ್ ಗೊತಿಯೆ ಮುನ್ನುಡಿಯೊಂದಿಗೆ. ಅದನ್ನು ನೋಡಿ ಹ್ಯೂಗೊ ಚಿತ್ರಗಳನ್ನು ಅಳೆಯಬೇಡಿ. ಕೆತ್ತನೆಯ ಸೂಜಿ ಗೆರೆಗಳನ್ನಷ್ಟೇ ಹಿಡಿಯುತ್ತದೆ, ಹರಡಿದ ಶಾಯಿ ಅದರ ಕೈಗೆ ಸಿಗುವುದಿಲ್ಲ. ಹ್ಯೂಗೊ ಚಿತ್ರದ ಜೀವ ಇರುವುದೇ ಆ ಹರಡುವಿಕೆಯಲ್ಲಿ.

ಬರಹವೂ ಚಿತ್ರವೂ ಒಂದೇ ಕಟ್ಟಿನಲ್ಲಿ ಸಿಗುವುದು 'ಕಡಲ ದುಡಿಮೆಗಾರರು' ಎಂಬರ್ಥದ 1866ರ ಕಾದಂಬರಿಯ ಹಸ್ತಪ್ರತಿಯಲ್ಲಿ. ಹ್ಯೂಗೊ ಹಾಳೆಯ ಅರ್ಧ ಭಾಗದಲ್ಲಿ ಬರೆದು ಉಳಿದರ್ಧವನ್ನು ತಿದ್ದುಪಡಿಗೆ ಖಾಲಿ ಬಿಡುತ್ತಿದ್ದರು. ಆ ಹಸ್ತಪ್ರತಿಯೊಳಗೆ ಬಂಡೆ, ಬಿರುಗಾಳಿ, ಹಡಗು, ದೈತ್ಯ ಆಕ್ಟೋಪಸ್, ಎಲ್ಲವನ್ನೂ ಸೇರಿಸಿ ಕಟ್ಟಿಸಿದ್ದಾರೆ. ಆಕ್ಟೋಪಸ್‌ನ ತೋಳುಗಳು ಸುತ್ತಿಕೊಂಡಿರುವ ಕಡೆ ಅವರ ಹೆಸರಿನ ಮೊದಲಕ್ಷರಗಳು ಕಾಣುತ್ತವೆ.

ಕೊನೆಯ ಕಾದಂಬರಿ 'ತೊಂಬತ್ತಮೂರು' 1874ರಲ್ಲಿ ಪ್ರಕಟವಾಯಿತು. ಅದರ ವಸ್ತು 1793ರಲ್ಲಿ ಫ್ರಾನ್ಸಿನ ವಾಂದೆ ಪ್ರದೇಶದಲ್ಲಿ ಗಣರಾಜ್ಯದವರಿಗೂ ರಾಜಪಕ್ಷದವರಿಗೂ ನಡೆದ ಅಂತರ್ಯುದ್ಧ. ಹ್ಯೂಗೊರ ತಂದೆ ಅಲ್ಲಿ ಗಣರಾಜ್ಯದ ಪರ ಹೋರಾಡಿದವರು, ತಾಯಿಯ ಮನಸ್ಸು ಇನ್ನೊಂದು ಕಡೆ. ಅದಕ್ಕೇ ಈ ಕಾದಂಬರಿಯಲ್ಲಿ ಎರಡೂ ಪಕ್ಷಗಳಿಗೆ ಘನತೆಯ ಮಾತು ಸಿಗುತ್ತದೆ. ಕೊನೆಯಲ್ಲಿ ಹಳೆಯ ಕಲ್ಲಿನ ಗೋಪುರವನ್ನೂ ತಲೆ ಕಡಿಯುವ ಹೊಸ ಯಂತ್ರ ಗಿಲೊಟಿನನ್ನೂ ಎದುರುಬದುರು ನಿಲ್ಲಿಸುತ್ತಾರೆ. ಆ ಗೋಪುರ ಕಲ್ಪಿತ, ಆದರೆ 1836ರಲ್ಲಿ ಬ್ರಿಟನಿಯ ಫೂಜೆರ್ ಕೋಟೆಯನ್ನು ಹ್ಯೂಗೊ ಕಣ್ಣಾರೆ ಕಂಡಿದ್ದರು. ನನ್ನ ಮಟ್ಟಿಗೆ ಇದು ಅವರ ಅತ್ಯಂತ ಬಿಗಿಯಾದ ಐತಿಹಾಸಿಕ ಕಾದಂಬರಿ. ಹೊಸ ಓದುಗರು ಇಲ್ಲಿಂದಲೇ ಶುರುಮಾಡಬಹುದು.

1881ರ ಉಯಿಲಿನಲ್ಲಿ ತಾವು ಬರೆದದ್ದು, ಬಿಡಿಸಿದ್ದು ಎಲ್ಲವನ್ನೂ ಪ್ಯಾರಿಸ್‌ನ ರಾಷ್ಟ್ರೀಯ ಗ್ರಂಥಾಲಯಕ್ಕೆ ಕೊಟ್ಟರು. ತೀರಿಕೊಂಡದ್ದು 1885ರ ಮೇ 22.

ಮೂಲ ಚಿತ್ರಗಳು ಯಾಕೆ ಸುಲಭಕ್ಕೆ ನೋಡಲು ಸಿಗುವುದಿಲ್ಲ ಎಂದು ಕೇಳುವವರಿದ್ದಾರೆ. ಆ ಕಾಲದ ಬರೆಯುವ ಶಾಯಿ ಬಹುಪಾಲು ಮಾಚಿಕಾಯಿ ಮತ್ತು ಅನ್ನಭೇದಿಯಿಂದ ಮಾಡಿದ್ದು. ಅದರಲ್ಲಿ ಉಳಿಯುವ ಆಮ್ಲ ಮತ್ತು ಕಬ್ಬಿಣ ಎರಡೂ ಕಾಗದದ ನಾರನ್ನು ತಿನ್ನುತ್ತವೆ. ಶಾಯಿ ದಪ್ಪವಾಗಿರುವ ಕಡೆ ಕಾಗದ ಸೀಳುತ್ತದೆ. ಕಪ್ಪಾಗಿದ್ದದ್ದು ವರ್ಷ ಕಳೆದಂತೆ ಕಂದಾಗುತ್ತದೆ, ಹಾಗಾಗಿ ಇಂಥ ಶಾಯಿಯಲ್ಲಿ ಮಾಡಿದ ಚಿತ್ರದ ಇಂದಿನ ಬಣ್ಣವೇ ಮೂಲ ಬಣ್ಣ ಎಂದುಕೊಳ್ಳುವಂತಿಲ್ಲ. ಕಾಗದದ ಇಂಥ ಕೃತಿಗಳನ್ನು ಸುಮಾರು 50 ಲಕ್ಸ್ ಮಂದ ಬೆಳಕಿನಲ್ಲಿ ಕೆಲವೇ ತಿಂಗಳು ತೋರಿಸಿ, ಮತ್ತೆ ವರ್ಷಗಟ್ಟಲೆ ಕತ್ತಲ ಪೆಟ್ಟಿಗೆಗೆ ಕಳಿಸುತ್ತಾರೆ. 2025ರಲ್ಲಿ ಲಂಡನ್‌ನ ರಾಯಲ್ ಅಕಾಡೆಮಿಯಲ್ಲಿ ನಡೆದಂಥ ಪ್ರದರ್ಶನಗಳು ಅಪರೂಪ.

ಪ್ಯಾರಿಸ್‌ಗೆ ಹೋಗುವವರು ಪ್ಲಾಸ್ ದೆ ವೋಜ್‌ನಲ್ಲಿ ಅವರು 1832ರಿಂದ 1848ರವರೆಗೆ ವಾಸವಿದ್ದ ಮನೆಯನ್ನು ನೋಡಿ. ಅಲ್ಲಿನ ಶಾಶ್ವತ ಸಂಗ್ರಹಕ್ಕೆ ಟಿಕೆಟ್ ಇಲ್ಲ. ಜೂಲಿಯೆಟ್‌ಗಾಗಿ ಗರ್ನ್‌ಸಿಯಲ್ಲಿ ಹ್ಯೂಗೊ ಮರದ ಹಲಗೆಗಳ ಮೇಲೆ ಚಿತ್ರಿಸಿದ ಚೀನೀ ಶೈಲಿಯ ಕೋಣೆ ಅಲ್ಲಿದೆ. ಗರ್ನ್‌ಸಿಯ ಮನೆ ವರ್ಷವಿಡೀ ತೆರೆದಿರುವುದಿಲ್ಲ, ಹೊರಡುವ ಮುಂಚೆ ದಿನಾಂಕ ನೋಡಿ ಕಾಯ್ದಿರಿಸಿ. ಪ್ರಯಾಣ ಸಾಧ್ಯವಿಲ್ಲದವರು ರಾಷ್ಟ್ರೀಯ ಗ್ರಂಥಾಲಯದ ಗಲ್ಲಿಕಾ ತಾಣದಲ್ಲಿ 1866ರ ಹಸ್ತಪ್ರತಿಯನ್ನು ಹುಡುಕಿ ತೆರೆಯಿರಿ. ಚಿತ್ರಗಳಿಗೆ ಹಾರಬೇಡಿ, ಒಂದೊಂದೇ ಹಾಳೆ ತಿರುಗಿಸುತ್ತ ಹೋಗಿ. ಆಗ ಯಾವ ಸಾಲಿನ ಮುಂದೆ ಯಾವ ಚಿತ್ರ ಕೂತಿದೆ ಎಂಬುದು ಗೊತ್ತಾಗುತ್ತದೆ.